ಕೂರಿಗೆಯ ಕೈ, ಚರಗದ ಕೈ

ಡೋಣಿ ನದಿಯ ದಂಡೆಯ ಕಪ್ಪು ಮಣ್ಣಿನ ಎರೆ ಹೊಲದಲ್ಲಿ ನಮ್ಮ ಮುತ್ಯಾ ಹಿಂಗಾರಿ ಜೋಳ ಬಿತ್ತುವುದನ್ನು ನೋಡುತ್ತ ಬೆಳೆದವನು ನಾನು. ಎತ್ತುಗಳು ಎಳೆಯುವ ಕೂರಿಗೆಯ ಹಿಂದೆ ನಡೆಯುತ್ತ ಅವರು ಮುಷ್ಟಿಯನ್ನು ಬಟ್ಟಲಿನ ಮೇಲೆ ಹಿಡಿದು, ಬೆರಳ ಸಂದಿಯಿಂದ ಕಾಳು ಒಂದೇ ಹದದಲ್ಲಿ ಸೋರುವಂತೆ ಬಿಡುತ್ತಿದ್ದರು. ಕಾಳು ಬಿದಿರಿನ ಕೊಳವೆಗಳೊಳಗೆ ಇಳಿದು, ತಾಳು ಸೀಳಿದ ಸಾಲಿನಲ್ಲಿ, ಹಸಿ ಇರುವ ಆಳಕ್ಕೆ ಹೋಗಿ ಸೇರುತ್ತಿತ್ತು. ಬದುವಿನ ಹತ್ತಿರ ಎತ್ತು ತಿರುಗುವ ಹೊತ್ತಿಗೆ ಆ ಮುಷ್ಟಿ ತಾನಾಗಿಯೇ ಬಿಗಿಯುತ್ತಿತ್ತು. ಎಕರೆಗೆ ಮೂರು ಕಿಲೋ ಬೀಜ ಎಂದರೆ ಮೂರೇ ಕಿಲೋ. “ಬದುವಿನ ಮ್ಯಾಲೆ ಬಿದ್ದದ್ದು ಬಿತ್ತಿಗಿ ಅಲ್ಲಪಾ, ಚೆಲ್ಲಾಟ” ಎನ್ನುತ್ತಿದ್ದರು.

ಇಂಥ ಮುತ್ಯಾನ ಮೊಮ್ಮಗನಿಗೆ ಸಂಡೇ ಸ್ಕೂಲಿನಲ್ಲಿ ಬೈಬಲಿನ ಮತ್ತಾಯನ ಸುವಾರ್ತೆಯ 13ನೆಯ ಅಧ್ಯಾಯವನ್ನು ಓದಿ ಹೇಳಿದಾಗ ಏನಾಗಬೇಕು? ಬಿತ್ತುವವನು ಬಿತ್ತುವುದಕ್ಕೆ ಹೊರಟನು. ಬಿತ್ತುವಾಗ ಕೆಲವು ಬೀಜ ದಾರಿಯ ಮಗ್ಗುಲಲ್ಲಿ ಬಿದ್ದವು, ಕೆಲವು ಬಂಡೆಯ ನೆಲದಲ್ಲಿ, ಕೆಲವು ಮುಳ್ಳುಗಿಡಗಳಲ್ಲಿ, ಕೆಲವು ಮಾತ್ರ ಒಳ್ಳೆಯ ನೆಲದಲ್ಲಿ. ನಾನು ಎದ್ದುನಿಂತು, ಇವನಿಗೆ ಬಿತ್ತಲಿಕ್ಕೆ ಬರುವುದಿಲ್ಲ ಎಂದೆ. ಉಳಿದ ಮಕ್ಕಳು ನಕ್ಕರು. ಕಲಿಸುತ್ತಿದ್ದ ಅಕ್ಕನವರು ಬೈಯಲಿಲ್ಲ. ಬಿತ್ತುವವನನ್ನು ಬಿಡು, ನಿನ್ನ ಮನಸ್ಸು ಯಾವ ನೆಲ ಎಂಬುದನ್ನು ಯೋಚಿಸು ಎಂದು ಕೂಡ್ರಿಸಿದರು. ಮೂವತ್ತು ವರ್ಷಕ್ಕೂ ಮೇಲ್ಪಟ್ಟು ನಾನು ಅವರ ಮಾತಿನಂತೆಯೇ ನಡೆದೆ. ನೆಲವನ್ನು ಯೋಚಿಸಿದೆ, ಬಿತ್ತುವವನನ್ನು ಬಿಟ್ಟೆ.

ನೆಲದ ವಿಚಾರದಲ್ಲಿ ಅವರ ಮಾತು ತಪ್ಪೇನಲ್ಲ, ಏಕೆಂದರೆ ಯೇಸುಸ್ವಾಮಿ ತಾನೇ ಶಿಷ್ಯರಿಗೆ ಈ ಸಾಮ್ಯವನ್ನು, ಎಂದರೆ ಈ ದೃಷ್ಟಾಂತದ ಕಥೆಯನ್ನು, ಬಿಡಿಸಿ ಹೇಳುವಾಗ ನಾಲ್ಕು ನೆಲಗಳನ್ನು ನಾಲ್ಕು ಬಗೆಯ ಕೇಳುವವರೆಂದು ತಿಳಿಸಿದ್ದಾರೆ. ದಾರಿಯ ಮಗ್ಗುಲಿನದು ಎಲ್ಲರಿಗೂ ಸುಲಭವಾಗಿ ತಿಳಿಯುವಂಥದ್ದು: ತುಳಿದು ತುಳಿದು ಗಟ್ಟಿಯಾದ ಮನಸ್ಸಿನೊಳಗೆ ಮಾತು ಇಳಿಯುವುದಿಲ್ಲ. ಬಂಡೆಯ ನೆಲ ಮಾತ್ರ ನನ್ನನ್ನು ಬಹಳ ಕಾಲ ಹಿಡಿದು ನಿಲ್ಲಿಸಿದೆ. ನನ್ನ ತಾಯಿಯ ತವರು ಗುಳೇದಗುಡ್ಡ. 1851ರಲ್ಲಿ ಕ್ರೈಸ್ತ ಧರ್ಮಪ್ರಚಾರದ ಬಾಸೆಲ್ ಮಿಷನ್ನಿನವರು ಬಂದು ನೆಲೆಯೂರಿದ ಊರು, ನೇಕಾರರ ಊರು, ಖಣದ ಊರು. ಊರ ಹೊರಗೆ ಹೊರಟರೆ ಬಾದಾಮಿಯವರೆಗೂ ಹಬ್ಬಿದ ಮರಳುಗಲ್ಲಿನ ಗುಡ್ಡಗಳು. ಅವುಗಳ ಬುಡದಲ್ಲಿ ಕೆಲವು ಹೊಲಗಳಿಗೆ ಗೇಣುದ್ದವೂ ಮಣ್ಣಿಲ್ಲ, ಕೆಳಗೆ ಹಾಸುಗಲ್ಲು. ಅಂಥ ಹೊಲದಲ್ಲಿ ಮೊದಲ ಮಳೆಗೆ ಬೀಜ ಬೇಗ ನಾಟುತ್ತದೆ, ಎರೆ ಹೊಲಕ್ಕಿಂತ ಬೇಗ. ರಜೆಗೆ ಹೋದಾಗ ಆ ಹಸಿರು ಕಂಡು ನಾನು ಹಿಗ್ಗಿದರೆ ಸೋದರಮಾವ ಒಂದು ಸಸಿಯನ್ನು ಎರಡೇ ಬೆರಳಿನಿಂದ ಕಿತ್ತು, ಬೇರನ್ನು ನನ್ನ ಅಂಗೈಯಲ್ಲಿಟ್ಟು ತೋರಿಸಿದ್ದರು: ಕೆಳಗೆ ಇಳಿಯಲು ಹೋದ ಬೇರು ಕಲ್ಲಿಗೆ ತಾಕಿ ಮಡಚಿಕೊಂಡು, ಪಕ್ಕಕ್ಕೆ ಹರಿದಿತ್ತು. ವಾಕ್ಯವನ್ನು ಕೇಳಿದ ಕೂಡಲೇ ಸಂತೋಷದಿಂದ ಒಪ್ಪಿಕೊಂಡು, ಕಷ್ಟ ಬಂದಾಗ ಎಡವಿಬೀಳುವವರು ಎಂದು ಸ್ವಾಮಿಯು ಹೇಳಿದ್ದು ಆ ಬೇರನ್ನು ಕುರಿತೇ. ಇದೇ ಕಥೆಯನ್ನು ಬರೆದ ಸುವಾರ್ತೆಕಾರರಲ್ಲಿ, ಸಸಿ ಬಾಡಿದ ಕಾರಣವನ್ನು ಮತ್ತಾಯ, ಮಾರ್ಕರು ಬೇರಿಲ್ಲದ್ದರಿಂದ ಎಂದು ಹೇಳುತ್ತಾರೆ. ಲೂಕನು ಮಾತ್ರ ತೇವವಿಲ್ಲದ್ದರಿಂದ ಎನ್ನುತ್ತಾನೆ. ಮುಗಿಲು ನೋಡಿ ಬದುಕುವ ನಮ್ಮ ಸೀಮೆಯಲ್ಲಿ ರೈತನು ರೈತನನ್ನು ಕಂಡಾಗ “ಹೊಲದಾಗ ಹಸಿ ಐತೇನು?” ಎಂದೇ ಕೇಳುವುದರಿಂದ, ಲೂಕನ ಆ ಒಂದು ಪದ ನನಗೆ ನಮ್ಮ ಊರಿನ ಮಾತಿನಂತೆ ಕೇಳಿಸುತ್ತದೆ.

ಮುಳ್ಳಿನ ನೆಲದ ವಿಷಯದಲ್ಲಿ ಒಂದು ಸೂಕ್ಷ್ಮವಿದೆ. ಬೀಜ ಬಿದ್ದಾಗ ಮುಳ್ಳುಗಿಡಗಳು ಎದ್ದು ನಿಂತಿದ್ದವೆಂದೇನೂ ಇಲ್ಲ. ಅವು ಬೀಜದ ಸಂಗಡವೇ ಬೆಳೆದವು ಎಂದು ಲೂಕನು ಬರೆದಿದ್ದಾನೆ. ಎಂದರೆ ಬಿತ್ತುವ ದಿನ ಆ ನೆಲವೂ ಹಸನಾಗಿಯೇ ಕಂಡಿರಬೇಕು. ಎರೆ ನೆಲದ ಕರಿಕಿ ಹುಲ್ಲನ್ನು ಬಲ್ಲವರಿಗೆ ಇದನ್ನು ವಿವರಿಸಬೇಕಿಲ್ಲ. ಕುಂಟೆ ಹೊಡೆದ ಮೇಲೆ ಹೊಲ ಒರೆಸಿಟ್ಟಂತೆ ಕಾಣುತ್ತದೆ. ಬೇರು ಮೊಳದಾಳದಲ್ಲಿ ಜೀವ ಹಿಡಿದು ಕೂತಿರುತ್ತದೆ. ಪ್ರಪಂಚದ ಚಿಂತೆ, ಐಶ್ವರ್ಯದ ಮೋಹ ಎಂದು ಸ್ವಾಮಿಯು ಹೆಸರಿಟ್ಟು ಹೇಳಿದ ಆ ಬೇರುಗಳು ಭಾನುವಾರದ ಆರಾಧನೆಯಲ್ಲಿ ಕಾಣಿಸುವುದಿಲ್ಲ, ಸೋಮವಾರ ಚಿಗುರುತ್ತವೆ.

ಆದರೆ ನೆಲ ಎಂದರೆ ಹಣೆಬರಹವಲ್ಲ. ಈ ಮಾತನ್ನು ಒತ್ತಿ ಹೇಳಬೇಕು, ಏಕೆಂದರೆ ಈ ಸಾಮ್ಯವನ್ನು ಓದಿ ಮನುಷ್ಯರನ್ನು ಹುಟ್ಟಿನಿಂದಲೇ ಬಂಡೆ, ಮುಳ್ಳು ಎಂದು ವಿಂಗಡಿಸುವ ಚಟ ನಮ್ಮ ಕ್ರೈಸ್ತ ಸಭೆಗಳಲ್ಲಿಯೂ ಇದೆ. ಬಾಗಲಕೋಟೆಯ ಕಡೆ ಬೇಸಿಗೆಯಲ್ಲಿ ಕೆರೆಯ ಹೂಳನ್ನು ಹೇರಿ ತಂದು ಮಸಾರಿ ಹೊಲಕ್ಕೆ ಹಾಕುವುದನ್ನು ಯಾರು ನೋಡಿಲ್ಲ? ಹಣ್ಣು ಬಿಡದ ಅಂಜೂರದ ಮರವನ್ನು ಕಡಿಯಹೊರಟ ಒಡೆಯನಿಗೆ ತೋಟದವನು, ಇದೊಂದು ವರ್ಷ ಬಿಡಿರಿ, ಸುತ್ತಲೂ ಅಗೆದು ಗೊಬ್ಬರ ಹಾಕುತ್ತೇನೆ ಎಂದು ಬೇಡಿಕೊಳ್ಳುವ ಸಾಮ್ಯವೂ ಅದೇ ಲೂಕನಲ್ಲಿ, 13ನೆಯ ಅಧ್ಯಾಯದಲ್ಲಿ, ಇದೆ. ಸ್ವಾಮಿಯ ಶಿಷ್ಯ ಪೇತ್ರನ ಹೆಸರಿಗೇ ಬಂಡೆ ಎಂಬ ಅರ್ಥ. ಸಂತೋಷದಿಂದ ಹಿಂಬಾಲಿಸಿದವನೂ ಅವನೇ, ಕಷ್ಟದ ರಾತ್ರಿ ಮೂರು ಸಾರಿ ಅಲ್ಲಗಳೆದವನೂ ಅವನೇ. ಆ ಬಂಡೆಯನ್ನು ಸ್ವಾಮಿಯು ಕೈಬಿಡಲಿಲ್ಲ.

ಇಷ್ಟೆಲ್ಲ ಬಲ್ಲೆನೆಂದುಕೊಂಡೇ ನಾನು ಹಲವು ವರ್ಷಗಳಿಂದ ನಮ್ಮ ಸಭೆಯ ಸಂಡೇ ಸ್ಕೂಲಿನಲ್ಲಿ ಕಲಿಸುತ್ತ ಬಂದಿದ್ದೇನೆ. ಕ್ರಿಸ್‌ಮಸ್ ದಿನ ಮಕ್ಕಳು ಒಬ್ಬೊಬ್ಬರಾಗಿ ಮುಂದೆ ಬಂದು ಬೈಬಲಿನ ಒಂದೊಂದು ವಚನವನ್ನು ಬಾಯಿಪಾಠ ಒಪ್ಪಿಸುವುದು ನಮ್ಮಲ್ಲಿಯ ವಾಡಿಕೆ. ವಚನಗಳನ್ನು ಚೀಟಿಗಳಲ್ಲಿ ಬರೆದು ಹಂಚುವ ಕೆಲಸ ನನ್ನದು. 2024ರ ಡಿಸೆಂಬರಿನಲ್ಲಿ ಕಬ್ಬು ಕಡಿಯುವ ಗ್ಯಾಂಗಿನವರ ಹುಡುಗನೊಬ್ಬ ಎರಡು ಭಾನುವಾರ ಬಂದು ಬಾಗಿಲ ಹತ್ತಿರ ಕೂತಿದ್ದ. ಕೈಯಲ್ಲಿ ಕಬ್ಬಿನ ಗರಿ ಕೊಯ್ದ ಗೀರುಗಳಿದ್ದವು. ನಾನು ಚೀಟಿ ಹಂಚುವಾಗ ಅವನು ಅರ್ಧ ಎದ್ದು, ಕೈ ಮುಂದೆ ಮಾಡಿದ. ಇಂದು ಇದ್ದು ನಾಳೆ ಬೇರೆ ಊರಿನ ಕಬ್ಬಿನ ಫಡಕ್ಕೆ ಹೋಗುವವನು, ಒಪ್ಪಿಸುವ ದಿನಕ್ಕೆ ಇರುತ್ತಾನೋ ಇಲ್ಲವೋ ಎಂದು ಎಣಿಸಿ, ಮುಂದಿನ ಸಲ ಕೊಡುತ್ತೇನೆ ಎಂದು ಹೇಳಿ ಅವನನ್ನು ದಾಟಿ ಹೋದೆ. ಕೈಯಲ್ಲಿ ಚೀಟಿಗಳು ಉಳಿದಿದ್ದವು. ಅವನು ಕೈಯನ್ನು ಹಿಂದಕ್ಕೆ ತೆಗೆದುಕೊಂಡು ಅಂಗಿಗೆ ಒರೆಸಿಕೊಂಡ. ಮುಂದಿನ ಭಾನುವಾರ ಅವನು ಬರಲಿಲ್ಲ, ಕ್ರಿಸ್‌ಮಸ್ಸಿಗೂ ಬರಲಿಲ್ಲ.

ಆ ವರ್ಷ ಎಳ್ಳಮಾಸಿ, ಎಂದರೆ ಎಳ್ಳು ಅಮಾವಾಸ್ಯೆ, ಡಿಸೆಂಬರ್ 30ರಂದು ಬಂದಿತ್ತು, ಕ್ರಿಸ್‌ಮಸ್ ಮುಗಿದ ಐದನೆಯ ದಿನ. ನೆರೆಹೊಲದ ಕಾಕಾ ಪ್ರತಿ ವರ್ಷದಂತೆ ನಮ್ಮ ಮನೆಮಂದಿಯನ್ನು ಊಟಕ್ಕೆ ಕರೆದಿದ್ದರು. ಎಳ್ಳು ಹಚ್ಚಿದ ಸಜ್ಜಿ ರೊಟ್ಟಿ, ಎಣ್ಣೆಗಾಯಿ, ಪುಂಡಿಪಲ್ಯ, ಶೇಂಗಾ ಹೋಳಿಗೆ, ಕಡುಬು, ಎಲ್ಲವನ್ನೂ ಬುಟ್ಟಿಯಲ್ಲಿ ಹೊತ್ತು ತಂದಿದ್ದರು. ಊಟಕ್ಕೆ ಮೊದಲು ಚರಗ ಚೆಲ್ಲಬೇಕು. ಕಾಕಾ ತಲೆಗೆ ರುಮಾಲು ಸುತ್ತಿ, ಕಲಸಿದ ಅಡುಗೆಯ ಬುಟ್ಟಿಯನ್ನು ಕಂಕುಳಲ್ಲಿ ಹಿಡಿದು ಹೊಲದ ಸುತ್ತ ನಡೆದರು. ಹಿಂದೆ ಅವರ ಮಗ ತಂಬಿಗೆಯ ನೀರು ಚಿಮುಕಿಸುತ್ತ ಬಂದ. ಕಾಕಾನ ತೋಳು ಭುಜದಿಂದ ಬೀಸಿ ತೆರೆದುಕೊಳ್ಳುತ್ತಿತ್ತು. ತುತ್ತುಗಳು ಜೋಳದ ಗರಿಗಳ ಮೇಲೆ ಬಿದ್ದವು, ಬದುವಿನ ಮೇಲೆ ಬಿದ್ದವು, ಜಾಲಿಯ ಮೆಳೆಯಲ್ಲಿ ಸಿಕ್ಕಿಕೊಂಡವು, ಒಂದಿಷ್ಟು ಹಾರಿ ಬಂಡಿದಾರಿಗೆ ಬಿದ್ದವು. ಬಿದ್ದದ್ದು ಎಲ್ಲಿ ಎಂದು ಕಾಕಾ ಒಮ್ಮೆಯೂ ತಿರುಗಿ ನೋಡಲಿಲ್ಲ. ಕೂರಿಗೆ ಹಿಡಿದಾಗ ಬದುವಿನ ಹತ್ತಿರ ಮುಷ್ಟಿ ಬಿಗಿಯುವ ಇದೇ ಮನುಷ್ಯ!

ಚರಗವು ಭೂಮಿತಾಯಿಗೆ ಅವರು ಸಲ್ಲಿಸುವ ಪೂಜೆ. ಅದರ ಅರ್ಥ ಅವರದು, ಅದರ ಮೇಲೆ ನನ್ನ ಅರ್ಥವನ್ನು ಹೇರಲು ನನಗೆ ಅಧಿಕಾರವಿಲ್ಲ. ಆದರೆ ಆ ತೋಳಿನ ಬೀಸನ್ನು ಕಂಡಾಗ ನಾನು ಚಿಕ್ಕವನಿದ್ದಾಗ ಕೇಳಿ ಬಿಟ್ಟ ಪ್ರಶ್ನೆ ಎದ್ದು ಎದುರಿಗೆ ನಿಂತಿತು. ಸ್ವಾಮಿಯು ಬೋಧಿಸಿದ ಗಲಿಲಾಯ ಸೀಮೆಯ ಗುಡ್ಡದ ಹೊಲಗಳಲ್ಲಿ ಕೈಯಿಂದ ಎರಚಿ ಬಿತ್ತುತ್ತಿದ್ದುದರಿಂದ ಒಂದಿಷ್ಟು ಬೀಜ ಕಾಲುದಾರಿಗೂ ಕಲ್ಲಿಗೂ ಬೀಳುವುದು ಸಹಜವೇ ಎಂದು ವ್ಯಾಖ್ಯಾನಗಳಲ್ಲಿ ಓದಿದ್ದೆ. ಅದು ನಿಜವೇ ಇರಬೇಕು. ಆದರೂ ದೋಣಿಯಲ್ಲಿ ಕೂತು ದಂಡೆಯ ಜನಕ್ಕೆ ಈ ಕಥೆಯನ್ನು ಹೇಳಿದ ಸ್ವಾಮಿಯು, ನಾಲ್ಕರಲ್ಲಿ ಮೂರು ನೆಲಗಳು ಫಲ ಕೊಡದವು ಎಂದು ತಿಳಿದೂ ಅಲ್ಲಿಗೆ ಬೀಜ ಬೀಸಿದವನನ್ನು ಒಂದು ಮಾತಿನಿಂದಲೂ ತಪ್ಪುಗಾರನೆಂದು ಹೇಳಲಿಲ್ಲ. ನಾವು ಇದನ್ನು ನಾಲ್ಕು ನೆಲಗಳ ಸಾಮ್ಯವೆಂದು ಕಲಿಸುತ್ತೇವೆ. ಮತ್ತಾಯ 13ರ 18ನೆಯ ವಚನದಲ್ಲಿ ಸ್ವಾಮಿಯು ತಾನೇ ಅದಕ್ಕೆ ಇಟ್ಟ ಹೆಸರು ಬಿತ್ತುವವನ ಸಾಮ್ಯ. ನೆಲವನ್ನು ಅಳೆದು ಬೀಜ ಬಿಡುವುದು ಮೂರು ಕಿಲೋ ಮಾತ್ರ ಇರುವವನ ಧರ್ಮ. ದೇವರ ಉಡಿಯಲ್ಲಿ ಮೂರು ಕಿಲೋ ಇಲ್ಲ.

ನನ್ನ ಕೈಯಲ್ಲಿಯೂ ಅಂದು ಚೀಟಿಗಳಿಗೆ ಕೊರತೆಯಿರಲಿಲ್ಲ. ಬೀಜ ನನ್ನದಲ್ಲದಿದ್ದರೂ ಮುಷ್ಟಿ ಬಿಗಿದವನು ನಾನು.

ಒಳ್ಳೆಯ ನೆಲದಲ್ಲಿ ಬಿದ್ದ ಬೀಜ ನೂರರಷ್ಟೂ ಫಲ ಕೊಟ್ಟಿತೆಂಬ ಸಾಮ್ಯದ ಮಾತನ್ನೂ ಇಲ್ಲಿಯೇ ಹೇಳಬೇಕು. ಜೋಳದ ನಾಡಿನವರಿಗೆ ನೂರು ಪಟ್ಟು ಒಂದು ಲೆಕ್ಕವೇ ಅಲ್ಲ. ಒಂದು ಒಳ್ಳೆಯ ತೆನೆಯಲ್ಲಿಯೇ ನೂರಾರು ಕಾಳು ಇರುತ್ತವೆ, ಡೋಣಿ ಬೆಳೆದರೆ ಓಣಿಯೆಲ್ಲ ಜೋಳ ಎಂಬ ಗಾದೆ ಸುಮ್ಮನೆ ಹುಟ್ಟಿದ್ದಲ್ಲ. ಆದರೆ ಆ ಕಾಲದ ಗೋದಿ, ಜವೆಗೋದಿಯ ಹೊಲಗಳಲ್ಲಿ ಅದು ಬೆರಗಿನ ಮಾತು. ಬರಗಾಲದ ನಾಡಿನಲ್ಲಿ ಬಿತ್ತಿ ಅದೇ ವರ್ಷ ನೂರರಷ್ಟು ಕೊಯ್ದ ಇಸಾಕನ ಸಂಗತಿಯನ್ನು ಆದಿಕಾಂಡದ 26ನೆಯ ಅಧ್ಯಾಯವು ದೇವರ ಆಶೀರ್ವಾದವೆಂದೇ ಹೇಳುತ್ತದೆ. ನಮ್ಮ ಕಣದಲ್ಲಿ ರಾಶಿ ಅಳೆಯುವಾಗ ಮೊದಲ ಅಳತೆಗೆ ಒಂದು ಎನ್ನುವುದಿಲ್ಲ, ಲಾಭ ಎನ್ನುತ್ತಾರೆ. ಕಳೆದುಹೋದ ಬೀಜದ ಎಣಿಕೆ ಕಣದಲ್ಲಿ ನಡೆಯುವುದಿಲ್ಲ.

ಬಿತ್ತುವವನ ಸಾಮ್ಯವಾದ ಮೇಲೆ ಮಾರ್ಕನು ಇನ್ನೊಂದು ಚಿಕ್ಕ ಸಾಮ್ಯವನ್ನು ಬರೆದಿದ್ದಾನೆ, ಉಳಿದ ಮೂರು ಸುವಾರ್ತೆಗಳಲ್ಲಿ ಅದಿಲ್ಲ. ಒಬ್ಬನು ಬೀಜ ಹಾಕಿ ರಾತ್ರಿ ಮಲಗುತ್ತಾನೆ, ಹಗಲು ಏಳುತ್ತಾನೆ. ಬೀಜ ಮೊಳೆತು ಬೆಳೆಯುತ್ತದೆ, ಹೇಗೆಂಬುದು ಅವನಿಗೆ ತಿಳಿಯದು. ಭೂಮಿಯು ತನ್ನಷ್ಟಕ್ಕೆ ತಾನೇ ಮೊದಲು ಗರಿ, ಆಮೇಲೆ ತೆನೆ, ಆಮೇಲೆ ತೆನೆಯಲ್ಲಿ ತುಂಬಿದ ಕಾಳನ್ನು ಕೊಡುತ್ತದೆ. ಹಿಂಗಾರಿ ಜೋಳ ಬೆಳೆಯುವುದು ಹೀಗೆಯೇ. ಉತ್ತರಿ, ಹಸ್ತ ಮಳೆಗಳ ಹಸಿಯನ್ನು ಎರೆ ಮಣ್ಣು ಒಡಲಲ್ಲಿ ಹಿಡಿದಿಟ್ಟುಕೊಂಡಿರುತ್ತದೆ. ಆಮೇಲೆ ಮಳೆ ಬಾರದಿದ್ದರೂ, ಮೇಲ್ಮಣ್ಣು ಕಾಲು ಸಿಗುವಷ್ಟು ಬಿರುಕು ಬಿಟ್ಟರೂ, ಬೇರು ಆ ಹಸಿಯ ಬೆನ್ನು ಹತ್ತಿ ಕೆಳಗಿಳಿಯುತ್ತಲೇ ಇರುತ್ತದೆ. ಎಡೆ ಹೊಡೆದು, ಹಕ್ಕಿ ಕಾಯ್ದು, ಉಳಿದ ಹೊತ್ತು ರೈತನು ಮಲಗಿ ಏಳುತ್ತಾನೆ. ಆ ಎಳ್ಳಮಾಸಿಯಂದು ನಾವು ಊಟಕ್ಕೆ ಕೂತ ಬದುವಿನ ಪಕ್ಕದಲ್ಲಿ ಜೋಳ ಎದೆಯೆತ್ತರ ನಿಂತು ತೆನೆ ಹಿಡಿದಿತ್ತು, ಎರಡು ತಿಂಗಳಿಂದ ಹನಿ ಮಳೆ ಕಂಡಿರಲಿಲ್ಲ.

ಊಟವಾದ ಮೇಲೆ ಬಂಡಿದಾರಿಯ ಕಡೆ ನೋಡಿದೆ. ಅಲ್ಲಿ ಬಿದ್ದಿದ್ದ ತುತ್ತುಗಳಿಗೆ ಬೆಳವಗಳು ಇಳಿದಿದ್ದವು. ಸಾಮ್ಯದಲ್ಲಿ ದಾರಿಯ ಬೀಜವನ್ನು ತಿಂದ ಹಕ್ಕಿಗಳು ಕೆಡುಕನನ್ನು ಸೂಚಿಸುತ್ತವೆ, ಆ ಅರ್ಥವನ್ನು ನಾನು ಅಳಿಸಲಾರೆ. ಆದರೆ ಆಕಾಶದ ಹಕ್ಕಿಗಳು ಬಿತ್ತುವುದಿಲ್ಲ, ಕೊಯ್ಯುವುದಿಲ್ಲ, ಆದರೂ ಪರಲೋಕದ ತಂದೆಯು ಅವುಗಳನ್ನು ಸಾಕುತ್ತಾನೆ ಎಂದು ಬೆಟ್ಟದ ಮೇಲೆ ಹೇಳಿದವರೂ ಅದೇ ಸ್ವಾಮಿ.

ಆ ಗ್ಯಾಂಗು ಯಾವ ಊರಿನ ಫಡಕ್ಕೆ ಹೋಯಿತೆಂದು ಕೇಳಿಕೊಂಡು ಎರಡು ಕಡೆ ಹೋಗಿ ಬಂದೆ. ಹುಡುಗ ಸಿಗಲಿಲ್ಲ. ಅವನ ಹೆಸರನ್ನು ಪ್ರಾರ್ಥನೆಯಲ್ಲಿ ಹೇಳೋಣವೆಂದರೆ, ಹೆಸರನ್ನೂ ನಾನು ಕೇಳಿರಲಿಲ್ಲ. ಕೈಯಲ್ಲಿ ಗೀರುಗಳಿದ್ದ ಹುಡುಗ ಎಂದೇ ಹೇಳುತ್ತೇನೆ. ಈ ಸಲದ ಕ್ರಿಸ್‌ಮಸ್ಸಿಗೆ ಚೀಟಿಗಳನ್ನು ಬರೆಯಲು ಕೂತಿದ್ದೇನೆ. ಹಾಜರಿ ಪುಸ್ತಕದಲ್ಲಿ 22 ಹೆಸರುಗಳಿವೆ. ಚೀಟಿ 40 ಬರೆದಾಗಿದೆ, ಕಾಗದ ಇನ್ನೂ ಇದೆ.