ಇಲ್ಲ, ಅದು ಚೀನೀ ಭಾಷೆ ಅಲ್ಲ

ಅಲ್ಲ. ಉತ್ತರ ಇಷ್ಟೇ. ಅವಸರದಲ್ಲಿರುವವರು ಇಲ್ಲಿಂದಲೇ ಹೊರಡಬಹುದು.

ಪ್ರಶ್ನೆ ಏನೆಂದು ಗೊತ್ತಿಲ್ಲದವರಿಗಾಗಿ: "ನೀವು ಟಿಬೆಟಿಯನ್ನರ ಜೊತೆ ಅವರ ಭಾಷೆಯಲ್ಲೇ ಮಾತನಾಡುತ್ತೀರಂತೆ. ಅದು ಚೀನೀ ಭಾಷೆಯೇ ಅಲ್ಲವೇ?" ಮದುವೆ ಮನೆಯ ಪಂಕ್ತಿಯಲ್ಲಿ ಕೇಳಿದ್ದಾರೆ, ಬ್ಯಾಂಕಿನ ಸಾಲಿನಲ್ಲಿ ಕೇಳಿದ್ದಾರೆ. ಒಮ್ಮೆ ಹಲ್ಲು ಕೀಳಿಸಿಕೊಳ್ಳಲು ಬಾಯಿ ತೆರೆದು ಮಲಗಿದ್ದಾಗಲೂ ಕೇಳಿದ್ದಾರೆ. ಅಂದು ಮಾತ್ರ ಉತ್ತರ ಹೇಳುವ ಕಷ್ಟ ತಪ್ಪಿತು. ಇಷ್ಟು ವರ್ಷ ಹಲ್ಲು ಕಿರಿದು ವಿವರಿಸಿ ಸಾಕಾಗಿದೆ. ಇನ್ನು ಮೇಲೆ ಕೇಳಿದವರ ಮೊಬೈಲಿಗೆ ಇದನ್ನು ಕಳಿಸಿ ನನ್ನ ಪಾಡಿಗೆ ನಾನು ಪಾಯಸ ಉಣ್ಣುತ್ತೇನೆ.

ಗೊತ್ತಿಲ್ಲದ್ದಕ್ಕೆ ನನಗೆ ಸಿಟ್ಟಿಲ್ಲ. ಸಿಟ್ಟು ಬರುವುದು ಆ "ಅಲ್ಲವೇ"ಗೆ. ಅದು ಪ್ರಶ್ನೆಯ ವೇಷ ಹಾಕಿಕೊಂಡು ಬಂದ ತೀರ್ಪು. "ಅದು ಯಾವ ಭಾಷೆ?" ಎಂದು ಕೇಳಿ ನೋಡಿ, ಚಹಾ ತರಿಸಿ ಕೂರಿಸಿ ಹೇಳುತ್ತೇನೆ. ಉತ್ತರವನ್ನು ಜೇಬಿನಲ್ಲಿಟ್ಟುಕೊಂಡು ಬಂದು ನನ್ನಿಂದ ಸಹಿ ಮಾತ್ರ ಬೇಡುವವರಿಗೆ ಚಹಾ ಇಲ್ಲ.

ಕುಶಾಲನಗರದಲ್ಲಿ ನನ್ನದೊಂದು ಔಷಧಿ ಅಂಗಡಿ. ಕಾವೇರಿ ದಾಟಿದರೆ ಮೈಸೂರು ಜಿಲ್ಲೆ, ಅಲ್ಲೇ ಬೈಲಕುಪ್ಪೆ. 1959ರಲ್ಲಿ ದಲೈ ಲಾಮಾ ಲಾಸಾ ಬಿಟ್ಟು ಭಾರತಕ್ಕೆ ಬಂದಾಗ ಅವರ ಹಿಂದೆಯೇ ಬೆಟ್ಟ ಹತ್ತಿಳಿದು ಬಂದವರಲ್ಲಿ ಕೆಲವರಿಗೆ ಆಗಿನ ಮೈಸೂರು ಸರ್ಕಾರ ಅಲ್ಲಿ ಸುಮಾರು 3,000 ಎಕರೆ ಕೊಟ್ಟಿತು. ಕೊಟ್ಟದ್ದು ಕಾಡು. ಅದನ್ನು ಕಡಿದು, ಸುಟ್ಟು, ಆನೆಗಳನ್ನು ಓಡಿಸಿ ಮುಸುಕಿನ ಜೋಳ ಬೆಳೆದವರು ಅವರು. ಆ ಮೊದಲ ತಲೆಮಾರಿಗೆ ವಯಸ್ಸಾಗಿ ಮಂಡಿ ನೋವು, ಬಿ.ಪಿ., ಸಕ್ಕರೆ ಕಾಯಿಲೆ ಶುರುವಾದ ಹೊತ್ತಿಗೆ ನಾನು ಅಂಗಡಿ ತೆರೆದೆ. ಊಟಕ್ಕೆ ಮುಂಚೆ ನುಂಗಬೇಕಾದದ್ದನ್ನು ಊಟವಾದ ಮೇಲೆ ನುಂಗಿ ಅವರು ಒದ್ದಾಡುವುದನ್ನು ನೋಡಲಾರದೆ ನಾಲ್ಕು ಮಾತು ಕಲಿತೆ. "ವ್ಯಾಪಾರಕ್ಕೆ ಕಲಿತಿರಿ, ಬಿಡಿ" ಎನ್ನುವವರೂ ಇದ್ದಾರೆ. ಹೌದು, ವ್ಯಾಪಾರಕ್ಕೇ ಕಲಿತೆ. ಏನೀಗ?

ನನಗಿಂತ ಚೆನ್ನಾಗಿ ಈ ಪ್ರಶ್ನೆಗೆ ಉತ್ತರ ಕೊಟ್ಟವರು ಒಬ್ಬರಿದ್ದರು. ಅದೊಂದು ಭಾನುವಾರ. ಬೈಲಕುಪ್ಪೆಯ ಸ್ವರ್ಣ ದೇಗುಲ ನೋಡಿಕೊಂಡು ಮಡಿಕೇರಿಗೆ ಹೊರಟಿದ್ದ ಕುಟುಂಬವೊಂದು ವಾಂತಿ ಮಾತ್ರೆಗೆಂದು ಅಂಗಡಿ ಮುಂದೆ ನಿಂತಿತ್ತು. ಅವರಿಗಿಂತ ಮೊದಲು ಬಂದ ಅಜ್ಜಿಯೊಬ್ಬರಿಗೆ ನಾನು ಮಾತ್ರೆಯ ಲೆಕ್ಕ ಹೇಳುತ್ತಿದ್ದೆ. ಛುಪಾ ಎಂಬ ಕಂದು ಬಣ್ಣದ ನಿಲುವಂಗಿ, ಅದರ ಮೇಲೆ ಪಂಗ್‌ದೆನ್ ಎಂಬ ಪಟ್ಟೆಪಟ್ಟೆಯ ಏಪ್ರನ್, ಎಡಗೈಯಲ್ಲಿ ಜಪಮಣಿ. ಕುಟುಂಬದ ಯಜಮಾನರು ಅಜ್ಜಿಯ ತಲೆಯ ಮೇಲಿಂದಲೇ ನನ್ನನ್ನು ಮೆಚ್ಚಿಕೊಂಡರು: "ಚೈನೀಸ್ ಎಷ್ಟು ಚೆನ್ನಾಗಿ ಮಾತನಾಡುತ್ತೀರಿ! ಚೈನೀಸೇ ಅಲ್ಲವೇ?"

ಅಜ್ಜಿ ಹಿಂತಿರುಗಿದರು. ಕನ್ನಡದಲ್ಲಿ ಕೇಳಿದರು: "ನಿಮ್ಮದು ಯಾವ ಊರು, ಸ್ವಾಮಿ?"

"ಬೆಂಗಳೂರು."

"ಮನೆಯಲ್ಲಿ ಮಾತನಾಡುವುದು ತಮಿಳು, ಅಲ್ಲವೇ?"

ಆ ಮನುಷ್ಯನ ಮುಖ ನೋಡಬೇಕಿತ್ತು. "ಕನ್ನಡಮ್ಮಾ! ನಾವು ಅಪ್ಪಟ ಕನ್ನಡದವರು!"

"ಹೌದೇ? ಎರಡೂ ಒಂದೇ ಥರ ಕೇಳಿಸುತ್ತದೆ" ಎಂದು ಮಾತ್ರೆಯನ್ನು ಸಂಚಿಗೆ ಹಾಕಿಕೊಂಡು ಮೆಟ್ಟಿಲಿಳಿದರು. ಎಷ್ಟೋ ಚಳಿಗಾಲ ಮೈಸೂರಿನ ರಸ್ತೆ ಬದಿಯಲ್ಲಿ ಸ್ವೆಟರ್ ಮಾರಿದ ಹೆಂಗಸು. ಕನ್ನಡ ಯಾವುದು, ತಮಿಳು ಯಾವುದು ಎಂದು ಕಣ್ಣು ಮುಚ್ಚಿಕೊಂಡು ಹೇಳಬಲ್ಲರು. ವಾಂತಿ ಮಾತ್ರೆಗೆ ಚಿಲ್ಲರೆ ತೆಗೆದುಕೊಳ್ಳದೆಯೇ ಕಾರು ಹೊರಟಿತು.

ಸಂಬಂಧವೇ ಇಲ್ಲವೆಂದರೆ ಸುಳ್ಳಾಗುತ್ತದೆ. ಭಾಷಾಶಾಸ್ತ್ರದವರು ಎರಡನ್ನೂ ಸಿನೋ-ಟಿಬೆಟನ್ ಎಂಬ ದೊಡ್ಡ ಮನೆತನಕ್ಕೆ ಸೇರಿಸುತ್ತಾರೆ. ಆ ಮನೆಯಲ್ಲಿ ಬರ್ಮೀಸ್, ಮಣಿಪುರಿ, ಬೋಡೊ ಎಲ್ಲವೂ ಇವೆ. ಹಿಂದಿ ಮತ್ತು ಇಂಗ್ಲಿಷ್ ಕೂಡ ಒಂದೇ ಮನೆತನದವು. ಹಾಗೆಂದು ಕಾನ್ಪುರದವರನ್ನು ನೀವು ಲಂಡನ್ನಿನವರಲ್ಲವೇ ಎಂದು ಕೇಳುತ್ತೇವೆಯೇ? ಲಾಸಾ ಕಡೆಯ ಮಾತಿನಲ್ಲಿ ದನಿಯ ಏರಿಳಿತ ಅರ್ಥವನ್ನೇ ಬದಲಿಸುತ್ತದೆ, ಅದನ್ನು ಕೇಳಿ ಜನ ಮೋಸಹೋಗುತ್ತಾರೆ. ಅದೇ ಟಿಬೆಟ್ಟಿನ ಆಮ್ದೋ ಸೀಮೆಯ ಮಾತಿಗೆ ಆ ಏರಿಳಿತವೂ ಇಲ್ಲ. ಆಮ್ದೋದ ಗಿರಾಕಿ ಬಂದರೆ ನಾನಿರಲಿ, ಆ ಅಜ್ಜಿಯೂ ಕಿವಿಗೆ ಕೈ ಹಚ್ಚುತ್ತಿದ್ದರು.

ಅವರಲ್ಲಿ ಚೀನಾ ದೇಶಕ್ಕೆ ಗ್ಯಾನಕ್ ಎನ್ನುತ್ತಾರೆ, ನಮ್ಮ ದೇಶಕ್ಕೆ ಗ್ಯಾಗರ್. ನಕ್ ಎಂದರೆ ಕಪ್ಪು, ಕರ್ ಎಂದರೆ ಬಿಳುಪು. ವಿಶಾಲವಾದ ಕರಿನಾಡು, ವಿಶಾಲವಾದ ಬಿಳಿನಾಡು ಎಂದು ಅಜ್ಜಿ ಬಿಡಿಸಿ ಹೇಳಿದ್ದರು. ತಮ್ಮ ನಾಡು ಎರಡೂ ಅಲ್ಲ. ಅದು ಪೊ, ತಮ್ಮ ಮಾತು ಪೊಕೆ. ಇಷ್ಟು ಚೊಕ್ಕವಾಗಿ ಅವರೇ ಮೂರು ಡಬ್ಬಿಗಳಲ್ಲಿ ಬೇರೆಬೇರೆಯಾಗಿ ಇಟ್ಟಿದ್ದನ್ನು ನಾವು ಏಕೆ ಕಲಸಬೇಕು?

ಅಕ್ಷರದ ವಿಷಯಕ್ಕೆ ಬಂದರಂತೂ ಚೀನಾದ ಹೆಸರೆತ್ತಲು ಜಾಗವೇ ಇಲ್ಲ. ಏಳನೆಯ ಶತಮಾನದಲ್ಲಿ ಸೊಂಗ್‌ಚೆನ್ ಗಂಪೊ ಎಂಬ ದೊರೆ ಥೋನ್ಮಿ ಸಂಭೋಟ ಎಂಬ ಮಂತ್ರಿಯನ್ನು ಲಿಪಿ ತರಲು ಭಾರತಕ್ಕೆ ಕಳಿಸಿದ ಎಂಬುದು ಅವರ ಪರಂಪರೆಯ ಮಾತು. ಲಿಪಿಯ ಬೇರು ಬ್ರಾಹ್ಮಿ. ಕನ್ನಡದ್ದೂ ಅದೇ. ಅಂದರೆ ಬೈಲಕುಪ್ಪೆಯ ಬಸ್ ನಿಲ್ದಾಣದಲ್ಲಿ ಅಕ್ಕಪಕ್ಕ ಇರುವ ಎರಡು ಫಲಕಗಳು ಒಬ್ಬಳೇ ಅಜ್ಜಿಯ ಮೊಮ್ಮಕ್ಕಳು. ಅವರ ಮಕ್ಕಳೂ "ಕ ಖ ಗ ಙ, ಚ ಛ ಜ ಞ" ಎಂದೇ ಉರು ಹೊಡೆಯುತ್ತವೆ. ಘ, ಝಗಳನ್ನು ಬಿಟ್ಟು ಒಟ್ಟು ಮೂವತ್ತಕ್ಕೆ ಮುಗಿಸಿದ್ದಾರೆ.

ನಮ್ಮ ಮೇಷ್ಟರು ಬೆತ್ತ ಹಿಡಿದು ಕಲಿಸಿದ ಙ ಮತ್ತು ಞ ನೆನಪಿವೆಯೇ? ಕನ್ನಡದಲ್ಲಿ ಅವು ನಿರುದ್ಯೋಗಿಗಳು. ಒಂದಕ್ಕೆ ಎಲ್ಲೋ ವಾಙ್ಮಯದಲ್ಲಿ ದಿನಗೂಲಿ, ಇನ್ನೊಂದು ಜ್ಞಾನದಲ್ಲಿ ಜ ಅಕ್ಷರದ ಕಾಲ ಕೆಳಗೆ ಮುದುರಿಕೊಂಡಿದೆ. ಟಿಬೆಟಿಯನ್ನಿನಲ್ಲಿ ಅವಕ್ಕೆ ಕಾಯಂ ನೌಕರಿ. ಙ ಎಂದರೆ "ನಾನು". ಞ ಎಂದರೆ "ಮೀನು". ಞೋ ಎಂದರೆ "ಕೊಳ್ಳು". "ಙ ಞ ಞೋಗಿಯಿನ್" ಎಂದರೆ "ನಾನು ಮೀನು ಕೊಳ್ಳುತ್ತೇನೆ". ಪದಕ್ಕೆ ಪದ ಇಟ್ಟು ನೋಡಿ: ನಾನು, ಮೀನು, ಕೊಳ್ಳುತ್ತೇನೆ. ಕ್ರಿಯಾಪದ ನಮ್ಮಂತೆಯೇ ಕೊನೆಗೆ. ಚೀನೀ ಭಾಷೆಯಲ್ಲಿ ಅದು ನಡುವೆ ಬಂದು ಕೂರುತ್ತದೆ. ಈ ವಾಕ್ಯ ಕಟ್ಟಿದ ದಿನ ನಾನು ಹಿಗ್ಗಿ ಅಜ್ಜಿಗೆ ಒಪ್ಪಿಸಿದೆ. "ಮೀನು ಬೇಡ, ಒಂದು ಹೊಟ್ಟೆ ತುಂಬಲು ಎಷ್ಟು ಜೀವ ಹೋಗುತ್ತವೆ ನೋಡಿ. ಬೇರೆ ಏನಾದರೂ ಕೊಳ್ಳಿ" ಎಂದರು. ವ್ಯಾಕರಣದ ಬಗ್ಗೆ ಒಂದು ಮಾತೂ ಇಲ್ಲ.

ಬರೆಯುವುದು ಮಾತ್ರ ಕಠಿಣ. ಎಂಟು ಎನ್ನುವ ಸಂಖ್ಯೆಗೆ ಅವರು ಬ ಬರೆದು, ಪಕ್ಕದಲ್ಲಿ ರ-ಗ-ಯಗಳನ್ನು ನಮ್ಮ ಒತ್ತಕ್ಷರದಂತೆ ಒಂದರ ಕೆಳಗೊಂದು ಪೇರಿಸಿ, ಕೊನೆಗೆ ದ ಇಡುತ್ತಾರೆ. ಓದುವುದು "ಗ್ಯೇ" ಎಂದು. ಬರೆದಂತೆ ಓದುವ ಕನ್ನಡಿಗನಿಗೆ ಇದು ಅನ್ಯಾಯವೆನಿಸುತ್ತದೆ. ಸಾವಿರ ವರ್ಷದ ಹಿಂದಿನ ಉಚ್ಚಾರಣೆಯನ್ನು ಕಾಗುಣಿತದಲ್ಲಿ ಹಾಗೇ ಉಳಿಸಿಕೊಂಡಿದ್ದಾರೆ, ಬಾಯಿ ಮಾತ್ರ ಮುಂದೆ ಬಂದುಬಿಟ್ಟಿದೆ.

ಮರ್ಯಾದೆಯ ಮಾತಿನಲ್ಲಿ ನಾನು ಮಾಡಿಕೊಂಡ ಅವಮಾನವನ್ನೂ ಹೇಳಿಬಿಡುತ್ತೇನೆ. ಅವರಲ್ಲಿ ಷೇಸ ಎಂಬ ಗೌರವದ ಭಾಷೆಯೇ ಬೇರೆ ಇದೆ. ನಾವು ಸ್ವಾಮಿಗಳ ಕಾಲಿಗೆ ಪಾದ ಎನ್ನುವುದಿಲ್ಲವೇ, ಹಾಗೆ. ಆದರೆ ಅಲ್ಲಿ ಅಡಿಯಿಂದ ಮುಡಿಯವರೆಗೂ ಉಂಟು. ತಲೆ ಗೋ, ಹಿರಿಯರ ತಲೆ ಊ. ಕೈ ಲಗ್ಪಾ, ಹಿರಿಯರ ಕೈ ಛಾಗ್. ಊಟ ಖಾಲಾ, ಹಿರಿಯರದ್ದು ಶೆಲಾ. ಔಷಧ ಮೆನ್, ಹಿರಿಯರು ಕುಡಿದರೆ ಸೋಲ್‌ಮೆನ್. ನಾನು ಪುಸ್ತಕ ಹಿಡಿದು ಕಲಿತವನಲ್ಲ, ಗಿರಾಕಿಗಳು ನನಗೆ ಹೇಳಿದ್ದನ್ನೇ ತಿರುಗಿಸಿ ಹೇಳಿ ಕಲಿತವನು. ಅವರೋ ನನ್ನ ಹೆಸರನ್ನು ಕೇಳುವಾಗ ಮರ್ಯಾದೆಯಿಂದ "ತ್ಸೆನ್" ಎನ್ನುತ್ತಿದ್ದರು. ತನ್ನ ಹೆಸರಿಗೆ ಬರೀ "ಮಿಂಗ್" ಎನ್ನಬೇಕು. ನಾನು ಸುಮಾರು ಎರಡು ವರ್ಷ ನನ್ನ ಹೆಸರನ್ನು ತ್ಸೆನ್ ಎಂದೂ, ನನ್ನ ಊಟವನ್ನು ಶೆಲಾ ಎಂದೂ ಹೇಳಿಕೊಂಡು ತಿರುಗಿದೆ. "ನಮ್ಮ ಶುಭನಾಮಧೇಯ ಇಂಥದ್ದು, ನಾವು ಈಗ ತಾನೇ ಪ್ರಸಾದ ಸ್ವೀಕರಿಸಲು ದಯಮಾಡಿಸುತ್ತಿದ್ದೇವೆ" ಎಂದು ಔಷಧಿ ಅಂಗಡಿಯವನೊಬ್ಬ ಹೇಳಿದರೆ ಹೇಗಿರುತ್ತದೆ? ಎಳೆಯ ಸನ್ಯಾಸಿ ಹುಡುಗರು ತಲೆನೋವಿನ ಮಾತ್ರೆ ಕೇಳುವ ನೆಪದಲ್ಲಿ ನನ್ನನ್ನು ಮಾತನಾಡಿಸಲು ಬರುತ್ತಿದ್ದರು. ನನ್ನ ಭಾಷೆಗೆ ಮರುಳಾಗಿದ್ದಾರೆಂದು ನಾನು ಬೀಗುತ್ತಿದ್ದೆ.

ಪಂಡಿತನಲ್ಲ ನಾನು. ಸೆರಾ ಮಠದ ಅಂಗಳದಲ್ಲಿ ಸನ್ಯಾಸಿಗಳು ಚಪ್ಪಾಳೆ ಬಡಿದು ತರ್ಕ ಮಾಡುವಾಗ ಹತ್ತರಲ್ಲಿ ಒಂದು ಮಾತು ಹಿಡಿದರೆ ಹೆಚ್ಚು. ಇದನ್ನು ಬರೆದದ್ದು, ನಾಳೆ ಯಾರಾದರೂ ನಿಜವಾಗಿ ಓದಿಕೊಂಡವರು ಬಂದು ತಪ್ಪು ಹಿಡಿಯುವ ಮೊದಲು ನಾನೇ ಒಪ್ಪಿಕೊಂಡಿರಲಿ ಎಂದು.

ಇಷ್ಟೆಲ್ಲ ಜನ ಕೇಳಿದ್ದಾರಲ್ಲ, ಒಬ್ಬರಾದರೂ "ನಿಮಗೆ ಯಾರು ಕಲಿಸಿದರು?" ಎಂದು ಕೇಳಿಲ್ಲ. ಕಲಿಸಿದವರು ಇಲ್ಲದೆ ಭಾಷೆ ನೆಗಡಿಯಂತೆ ಅಂಟಿಕೊಳ್ಳುತ್ತದೆಯೇ?

ತಮಿಳು ಅಲ್ಲವೇ ಎಂದು ಕೇಳಿದ ಆ ಅಜ್ಜಿಯೇ ಕಲಿಸಿದರು. ಅಜ್ಜಿಗೆ ಅವರಲ್ಲಿ ಮೋಲಾ ಎನ್ನುತ್ತಾರೆ, ನಾನೂ ಹಾಗೇ ಕರೆಯುತ್ತಿದ್ದೆ. ಅವರು ನನ್ನನ್ನು ಅಮ್ಚಿಲಾ, ಅಂದರೆ ಡಾಕ್ಟರೇ ಎನ್ನುತ್ತಿದ್ದರು; ಮೊದಲು ತಿದ್ದಿದೆ, ಆಮೇಲೆ ಬಿಟ್ಟೆ. ತಿಂಗಳಿಗೊಮ್ಮೆ ಮಾತ್ರೆಗೆ ಬಂದವರು, ಮಧ್ಯಾಹ್ನ ಗಿರಾಕಿ ಇಲ್ಲದ ಹೊತ್ತಿನಲ್ಲಿ ಒಳಗಿನ ಸ್ಟೂಲಿನ ಮೇಲೆ ಕೂತು, ಬಸ್ ಬರುವವರೆಗೆ ಪಾಠ. ಮಿಂಗ್ ಯಾವುದು, ತ್ಸೆನ್ ಯಾವುದು ಎಂದು ಕಡೆಗೂ ಹೇಳಿದವರು ಅವರೇ. ಮೊದಲೇ ಏಕೆ ಹೇಳಲಿಲ್ಲ ಎಂದರೆ, "ಹುಡುಗರಿಗೆ ಖುಷಿಯಾಗಿತ್ತು" ಎಂದರು.

ನನ್ನನ್ನು ಹೆಚ್ಚು ಸತಾಯಿಸಿದ್ದು "ಇದೆ". ಕನ್ನಡದಲ್ಲಿ ಒಂದು "ಇದೆ"ಯಲ್ಲಿ ಬದುಕು ಸಾಗುತ್ತದೆ. ಕಂಡಿಲ್ಲದಿದ್ದರೆ "ಅಂತೆ" ಅಂಟಿಸಿ ಜಾರಿಕೊಳ್ಳುತ್ತೇವೆ. ಅವರಿಗೆ ಮೂರು ಬೇಕು. ತನ್ನದು, ತನಗೆ ಒಳಗಿನಿಂದಲೇ ಗೊತ್ತಿರುವುದು ಯೋ. ತಾನು ಕಣ್ಣಾರೆ ಕಂಡದ್ದು ದುಗ್. ತನ್ನದಲ್ಲದ, ತಾನು ಕಂಡದ್ದೆಂದು ಹೇಳಬೇಕಿಲ್ಲದ, ಲೋಕಕ್ಕೆ ತಿಳಿದ ಸಂಗತಿ ಯೋರೆ. ನಾನು ಕಪಾಟಿನತ್ತ ಕೈ ತೋರಿಸಿ "ಮೆನ್ ದುಗ್" ಎಂದರೆ, "ನಿಮ್ಮ ಅಂಗಡಿಯ ಸರಕು ನಿಮಗೇ ಈಗ ಕಣ್ಣಿಗೆ ಬಿತ್ತೇ? ಯೋ ಎನ್ನಿ" ಎಂದು ಗದರುತ್ತಿದ್ದರು. ಲಾಸಾದಲ್ಲಿ ಪೋತಾಲ ಅರಮನೆ ದುಗ್ ಎಂದಾಗ, "ಯಾವಾಗ ಹೋಗಿ ನೋಡಿ ಬಂದಿರಿ ಅಮ್ಚಿಲಾ? ಯೋರೆ" ಎಂದರು.

ಒಂದು ಮಧ್ಯಾಹ್ನ, ಮಳೆಗೆ ಬಸ್ ತಡವಾಗಿತ್ತು. ಯೋರೆ ಅಭ್ಯಾಸವಾಗಲೆಂದು ನಾನೇ ಪಾಠ ತೆಗೆದೆ. ನಿಮ್ಮ ಊರಿನ ಮನೆಯಲ್ಲಿ ಏನೇನಿದೆ ಎಂದು ಕೇಳಿದೆ. ಹದಿನೇಳರ ಹುಡುಗಿಯಾಗಿ ಬಿಟ್ಟುಬಂದ ಮನೆ ಅದು, ನಲವತ್ತೈದು ವರ್ಷ ದಾಟಿತ್ತು. ಅದು ನಿಂತಿದೆಯೋ ಬಿದ್ದಿದೆಯೋ ಯಾರೂ ಅವರಿಗೆ ಹೇಳಿದವರಿಲ್ಲ. ಜಪಮಣಿ ಒಂದು ಕೈಯಿಂದ ಇನ್ನೊಂದಕ್ಕೆ ಬಂತು. ಕೆಳಗೆ ದನದ ಕೊಟ್ಟಿಗೆ ಯೋ. ಮೇಲೆ ಹತ್ತಲು ಮರದ ಏಣಿ ಯೋ. ದೇವರ ಕೋಣೆ ಯೋ. ಅಡುಗೆಮನೆಯ ಮೂಲೆಯಲ್ಲಿ ನೀರಿನ ದೊಡ್ಡ ತಾಮ್ರದ ಹಂಡೆ ಯೋ.

ಮೂರನೆಯದನ್ನು ಹೇಳಬೇಕಲ್ಲವೇ ಎಂದು ತಿದ್ದಲು ನಾನು ಬಾಯಿ ತೆರೆದೆ. ಅವರು ಕೈ ಅಡ್ಡ ತಂದು ತಡೆದರು. ಮಾತು ಇನ್ನೂ ಮುಗಿದಿರಲಿಲ್ಲ.

"ತಳದಲ್ಲಿ ಮಾತ್ರ ಸ್ವಲ್ಪ ಸೋರುತ್ತದೆ" ಎಂದರು.