ದೀಪ ಹಚ್ಚಬಾರದ ಅಮಾವಾಸ್ಯೆ

ನಾನು ಬರೆಯುತ್ತಿರುವ ಕಾದಂಬರಿಯ ಕಾಲ್ಪನಿಕ ನಾಡಿಗೆಂದು ಮೊದಲು ಹೊಸೆದ ಪಂಚಾಂಗದಲ್ಲಿ ಒಂದು ತಪ್ಪೂ ಇರಲಿಲ್ಲ. ವರ್ಷಕ್ಕೆ 360 ದಿನ, ತಲಾ 30 ದಿನಗಳ ಹನ್ನೆರಡು ತಿಂಗಳು, ಪ್ರತಿ ತಿಂಗಳೂ ತಪ್ಪದೆ 15ಕ್ಕೆ ಹುಣ್ಣಿಮೆ. ಅದನ್ನು ಹನುಮಂತನಗರದ ನಮ್ಮ ಮನೆಯ ಗೋಡೆಗೆ ಅಂಟಿಸಿ, ಊಟಕ್ಕೆ ಬಂದಿದ್ದ ಸೋದರತ್ತೆಗೆ ಹೆಮ್ಮೆಯಿಂದ ತೋರಿಸಿದೆ. ಅವರು ಕನ್ನಡಕ ಏರಿಸಿಕೊಂಡು ಮೇಲಿಂದ ಕೆಳಗೆ ಓದಿ, "ಅಲ್ಲ ಕಣೋ, ಇವರಲ್ಲಿ ಏಕಾದಶಿ ಎಲ್ಲರಿಗೂ ಒಂದೇ ದಿನಾನಾ?" ಎಂದು ಕೇಳಿದರು. ಹೌದೆಂದೆ. "ಹಾಗಾದ್ರೆ ಹಬ್ಬ ಹತ್ತಿರ ಬಂದಾಗ ಇವರು ಮಾತಾಡೋದಾದ್ರೂ ಏನು?" ಎಂದು ಎಲೆಯ ಮುಂದೆ ಹೋಗಿ ಕುಳಿತರು.

ಅವರ ಮಾತು ತಮಾಷೆಯದ್ದಾದರೂ ಪೆಟ್ಟು ಸರಿಯಾದ ಜಾಗಕ್ಕೇ ಬಿದ್ದಿತ್ತು. ನಮ್ಮ ಬೀದಿಯಲ್ಲೇ ಕೃಷ್ಣ ಎರಡು ಸಲ ಹುಟ್ಟುತ್ತಾನೆ: ಚಾಂದ್ರಮಾನದ ಅಷ್ಟಮಿಯನ್ನು ನೋಡುವವರ ಮನೆಯಲ್ಲೊಮ್ಮೆ, ಸೌರಮಾನದ ಸಿಂಹಮಾಸವನ್ನೂ ರೋಹಿಣಿಯನ್ನೂ ನೋಡುವವರ ಮನೆಯಲ್ಲೊಮ್ಮೆ. ಎರಡೂ ಕಡೆಯ ಚಕ್ಕುಲಿ ತಿನ್ನುವ ನನಗೆ ಇದರಿಂದ ನಷ್ಟವೇನೂ ಇಲ್ಲ. ಆದರೆ ಈ ಭೇದದ ಬೇರು ಆಕಾಶದಲ್ಲೇ ಇದೆ ಎಂಬುದನ್ನು ನಾನು ನಾಡು ಕಟ್ಟುವಾಗ ಮರೆತಿದ್ದೆ. ಚಂದ್ರನ ತಿಂಗಳು ಸುಮಾರು 29.53 ದಿನಗಳದ್ದಾಗಿರುವುದರಿಂದ ಅಂಥ ಹನ್ನೆರಡು ಸೇರಿದರೂ 354 ದಿನ ದಾಟಿ ಸ್ವಲ್ಪವಷ್ಟೇ ಆಗುತ್ತದೆ. ಸೂರ್ಯನ ವರ್ಷಕ್ಕೆ ಹೋಲಿಸಿದರೆ ಸುಮಾರು ಹನ್ನೊಂದು ದಿನಗಳ ಕೊರತೆ. ಆ ಕೊರತೆ ವರ್ಷ ವರ್ಷವೂ ಸಾಲದ ಬಡ್ಡಿಯಂತೆ ಬೆಳೆದು, ಸರಾಸರಿ 32-33 ತಿಂಗಳಿಗೊಮ್ಮೆ ಅಧಿಕಮಾಸವಾಗಿ ಬಂದು ತೀರುತ್ತದೆ. 2023ರಲ್ಲಿ ಎರಡೆರಡು ಶ್ರಾವಣ ಬಂದು, ವರಮಹಾಲಕ್ಷ್ಮಿಯ ಸೀರೆ ಯಾವ ಶ್ರಾವಣಕ್ಕೆ ಕೊಳ್ಳಬೇಕೆಂದು ಮನೆಮನೆಯಲ್ಲೂ ಚರ್ಚೆ ನಡೆದದ್ದು ಇದೇ ಕಾರಣಕ್ಕೆ.

ಹಾಗಾಗಿ ಗೋಡೆಯ ಹಾಳೆಯನ್ನು ಕಿತ್ತು, ಈ ಸಲ ಆಕಾಶದಿಂದಲೇ ಆರಂಭಿಸಿದೆ. ಹೊಸ ನಾಡಿನ ವರ್ಷಕ್ಕೆ 391 ದಿನ, ಚಂದ್ರನ ಸುತ್ತಿಗೆ 34 ದಿನ. ಭಾಗಿಸಿ ನೋಡಿದರೆ ವರ್ಷಕ್ಕೆ ಹನ್ನೊಂದೂವರೆ ತಿಂಗಳು. ಆ ಅರ್ಧ ತಿಂಗಳು ನಾನು ಯೋಜಿಸಿದ್ದಲ್ಲ, ಲೆಕ್ಕದಲ್ಲಿ ತಾನಾಗಿ ಬಂದದ್ದು. ಅದರಿಂದಾಗಿ ಒಂದು ವರ್ಷದ ಮೊದಲ ರಾತ್ರಿ ಅಮಾವಾಸ್ಯೆಯಾದರೆ ಮರುವರ್ಷದ್ದು ಹುಣ್ಣಿಮೆಯಾಗುತ್ತದೆ. ನಾಡಿನವರು ಅವುಗಳನ್ನು ಕರಿವರ್ಷ, ಬಿಳಿವರ್ಷ ಎಂದು ಕರೆಯುತ್ತಾರೆ. ಕರಿವರ್ಷದ ಮೊದಲ ರಾತ್ರಿ ಮನೆಮನೆಗೂ ದೀಪ. ಬಿಳಿವರ್ಷದ ಮೊದಲ ರಾತ್ರಿ ಚಂದ್ರನಿಗೆ ಅವಮಾನವಾಗಬಾರದೆಂದು ಯಾರೂ ಬತ್ತಿ ಹೊಸೆಯುವಂತಿಲ್ಲ.

ರೈತರಿಗೆ ಮಾತ್ರ ಬೇರೆಯೇ ಲೆಕ್ಕ ಕೊಟ್ಟಿದ್ದೇನೆ, ಅದು ನಮ್ಮ ಮಳೆ ನಕ್ಷತ್ರಗಳಿಂದ ಕಲಿತದ್ದು. ಭರಣಿ, ರೋಹಿಣಿ, ಆರಿದ್ರೆ, ಮಘೆ, ಹುಬ್ಬೆ ಎಂದು ನಮ್ಮ ಹಳ್ಳಿಗಳಲ್ಲಿ ಎಣಿಸುವುದು ಚಂದ್ರನ ತಿಥಿಯನ್ನಲ್ಲ, ಸೂರ್ಯ ಒಂದೊಂದು ನಕ್ಷತ್ರದಲ್ಲಿ ಕಳೆಯುವ ಹದಿಮೂರು-ಹದಿನಾಲ್ಕು ದಿನಗಳನ್ನು. ಅಧಿಕಮಾಸ ಬರಲಿ, ಹೋಗಲಿ, "ರೋಹಿಣಿ ಮಳೆ ಬಂದರೆ ಓಣಿಯೆಲ್ಲಾ ಜೋಳ" ಎಂಬ ಗಾದೆ ಕದಲುವುದಿಲ್ಲ. ನನ್ನ ನಾಡಿನಲ್ಲಿ 23 ಮಳೆಗಳಿವೆ, ಒಂದೊಂದಕ್ಕೆ 17 ದಿನ; ಗುಣಿಸಿದರೆ ಸರಿಯಾಗಿ 391. ನೇಗಿಲು ಮಳೆ, ಮುರುಕುಬಳೆ ಮಳೆ, ಅತ್ತೆಮನೆ ಮಳೆ ಎಂದೆಲ್ಲ ಹೆಸರಿಡುತ್ತ ಕಳೆದ ಭಾನುವಾರ ನನಗೆ ಕಾದಂಬರಿಗಿಂತ ಹೆಚ್ಚು ಸುಖ ಕೊಟ್ಟಿತೆಂದು ಒಪ್ಪಿಕೊಳ್ಳಬೇಕು. ವಾರಕ್ಕೆ ಐದೇ ದಿನ, ಏಕೆಂದರೆ ಅಲ್ಲಿ ಸೂರ್ಯಚಂದ್ರರಲ್ಲದೆ ಕಣ್ಣಿಗೆ ಕಾಣುವ ಗ್ರಹಗಳು ಮೂರೇ.

ಕಾಲವನ್ನು ಅಳೆಯುವ ಜಾಗ ಮಾತ್ರ ಬೆಂಗಳೂರಿನ ಗವಿಪುರದಿಂದ ಬಂದದ್ದು. ಗವಿಗಂಗಾಧರೇಶ್ವರನ ಗುಡಿಯಲ್ಲಿ ಸಂಕ್ರಾಂತಿಯ ಸಂಜೆ ಕಿಂಡಿಯಿಂದ ಬರುವ ಬಿಸಿಲು ನಂದಿಯ ಕೊಂಬುಗಳ ನಡುವೆ ಹಾದು ಲಿಂಗವನ್ನು ಮುಟ್ಟುವುದನ್ನು ನೋಡಲು ಊರೇ ನೆರೆಯುತ್ತದೆ. ಸೂರ್ಯ ದಕ್ಷಿಣದ ತುದಿಗೆ ಹೋಗುವಾಗಲೂ ಅದೇ ದಾರಿ, ಮರಳುವಾಗಲೂ ಅದೇ ದಾರಿಯಾದ್ದರಿಂದ, ನವೆಂಬರ್ ಕೊನೆಯ ಹೊತ್ತಿಗೂ ಅಂಥದೇ ಬಿಸಿಲು ಒಳಗೆ ಬರುತ್ತದೆ, ಆದರೆ ಆಗ ಅಂಥ ಜನಜಂಗುಳಿ ಇರುವುದಿಲ್ಲ. ಈ ಎರಡು ದಿನಗಳ ನಟ್ಟನಡುವೆ ನಿಲ್ಲುವುದು ನಿಜವಾದ ಅಯನದ ದಿನ, ಅಂದರೆ ಸೂರ್ಯ ದಕ್ಷಿಣದ ತುದಿ ಮುಟ್ಟಿ ಉತ್ತರಕ್ಕೆ ತಿರುಗುವ ಡಿಸೆಂಬರ್ 21-22. ಸುಮಾರು 1700 ವರ್ಷಗಳ ಹಿಂದೆ ಸಂಕ್ರಾಂತಿಯೂ ಅಯನವೂ ಒಂದೇ ದಿನ ಇದ್ದವು. ಸುಮಾರು 70 ವರ್ಷಕ್ಕೆ ಒಂದು ದಿನದಂತೆ ಸರಿಯುತ್ತ ಈಗ ಮೂರು ವಾರಕ್ಕೂ ಮಿಕ್ಕ ಅಂತರ ಬಿದ್ದಿದೆ. ನನ್ನ ಕಾದಂಬರಿಯ ಗವಿಯ ಅರ್ಚಕರು ಮರಳುವ ಬಿಸಿಲನ್ನು ಮಾತ್ರ ಊರಿಗೆ ತೋರಿಸುತ್ತಾರೆ. ಹೋಗುವ ಬಿಸಿಲಿನ ದಿನ ಬಾಗಿಲು ಹಾಕಿಕೊಂಡು, ದಾರಕ್ಕೆ ಗಂಟು ಹಾಕಿ, ನಡುವಿನ ದಿನವನ್ನು ಎಣಿಸಿಟ್ಟುಕೊಳ್ಳುತ್ತಾರೆ. ವರ್ಷ 391 ದಿನಗಳದ್ದಲ್ಲ, 391ರ ಮೇಲೆ ಕಾಲು ದಿನವಿದೆ ಎಂಬುದು ಅವರಿಗೆ ಮಾತ್ರ ಗೊತ್ತಿರುವ ಸಂಗತಿ.

ಕತೆ ಹುಟ್ಟಿದ್ದು ಆ ಕಾಲು ದಿನದಿಂದಲೇ. ಅರ್ಚಕರು ನಾಲ್ಕು ವರ್ಷಕ್ಕೊಮ್ಮೆ ಸದ್ದಿಲ್ಲದೆ ಒಂದು ದಿನ ಸೇರಿಸುತ್ತಾರೆ. ಸೂರ್ಯನ ಲೆಕ್ಕ ಸರಿಹೋಗುತ್ತದೆ, ಮಳೆಗಳು ತಮ್ಮ ಜಾಗದಲ್ಲೇ ಉಳಿಯುತ್ತವೆ. ಆದರೆ ಎರಡು ವರ್ಷಕ್ಕೆ 782 ದಿನಗಳ 23 ತಿಂಗಳು ಮುಗಿದ ಮೇಲೂ ಅರ್ಧ ದಿನ ಮಿಗುವುದರಿಂದ ವರ್ಷದ ಮೊದಲ ರಾತ್ರಿ ಚಂದ್ರನಿಂದ ಸ್ವಲ್ಪ ಸ್ವಲ್ಪವೇ ಜಾರುತ್ತದೆ. 68 ವರ್ಷಕ್ಕೆ ಆ ಜಾರಿಕೆ 17 ದಿನ, ಅಂದರೆ ಸರಿಯಾಗಿ ಅರ್ಧ ತಿಂಗಳು. ಬಿಳಿವರ್ಷದ ಮೊದಲ ರಾತ್ರಿ ಅಮಾವಾಸ್ಯೆಗೆ ಬಂದು ನಿಲ್ಲಲು ಒಂದು ಆಯುಷ್ಯ ಸಾಕು.

ಈ ಲೆಕ್ಕವನ್ನು ಅತ್ತೆಗೆ ಫೋನಿನಲ್ಲಿ ವಿವರಿಸಿದಾಗ, "ಶಾಸ್ತ್ರ ಬದಲಾಯಿಸೋಕೆ ಯಾರಾದ್ರೂ ಒಪ್ಪಿದ್ರಾ?" ಎಂದಷ್ಟೇ ಕೇಳಿದರು. ಯಾರೂ ಒಪ್ಪಿಲ್ಲವೆಂದೆ. "ಈಗ ಸರಿಯಾಯ್ತು" ಎಂದರು.

ಆದ್ದರಿಂದ ಮೊದಲ ಅಧ್ಯಾಯವನ್ನು ಮತ್ತೆ ಬರೆದಿದ್ದೇನೆ. ಹುಣ್ಣಿಮೆಯ ಬಿಳಿವರ್ಷದಲ್ಲಿ ಹುಟ್ಟಿದ ಮುದುಕನೊಬ್ಬನಿಗೆ 68 ತುಂಬಿದೆ, ಹೊಸ ವರ್ಷದ ಮೊದಲ ರಾತ್ರಿ. ಶಾಸ್ತ್ರದ ಪ್ರಕಾರ ಬೀದಿಯಲ್ಲಿ ಒಂದು ದೀಪವೂ ಇಲ್ಲ, ಆಕಾಶದಲ್ಲಿ ಚಂದ್ರನೂ ಇಲ್ಲ. ಬೆಳದಿಂಗಳ ಊಟಕ್ಕೆಂದು ಸೊಸೆಯಂದಿರು ಅಂಗಳದಲ್ಲಿ ಕತ್ತಲೆಯಲ್ಲೇ ಎಲೆ ಹಾಸುತ್ತಿದ್ದಾರೆ. ಅವನು ತಡಕಾಡುತ್ತ ಬಂದು ಪಾಯಸದ ಪಾತ್ರೆಯನ್ನು ಒದ್ದುಬಿಡುತ್ತಾನೆ.