ಬೊಂಡಾಸಿನ ಮೇಲೆ ಒಣದ್ರಾಕ್ಷಿ

ಮೀನಿಗೆ ಸಕ್ಕರೆ ಹಾಕ್ತಾರೆ ಅಂದ್ರೆ ನಮ್ಮ ಕುಂದಾಪುರದ ಕಡೆಯವರು ಮೊದಲು ನಗುತ್ತಾರೆ, ಆಮೇಲೆ ಬೈಯುತ್ತಾರೆ. ನಾನೂ ಅದೇ ಪೈಕಿ. ಹುಳಿ, ಖಾರ, ತೆಂಗಿನಕಾಯಿ ಇದ್ದರೆ ಮೀನಿಗೆ ಇನ್ನೇನೂ ಬೇಡ ಅಂತ ನಂಬಿ ಬೆಳೆದವಳು. ಹಾಗಾಗಿ ಮೊರಾಕ್ಕೊದ ಎಸ್ಸಾವಿರಾ ಊರಿನ ಒಂದು ಅಡುಗೆಮನೆಯಲ್ಲಿ ನಿಂತು, ಒಂದು ಕಿಲೋ ಈರುಳ್ಳಿ, ಒಣದ್ರಾಕ್ಷಿ, ಚಕ್ಕೆಪುಡಿ, ಸಕ್ಕರೆ ಎಲ್ಲ ಒಂದೇ ಬಾಣಲೆಯಲ್ಲಿ ಬೇಯುವುದನ್ನು ನೋಡುತ್ತಿದ್ದಾಗ, ಇದು ಹೋಗಿ ಬೀಳುವುದು ಪಕ್ಕದಲ್ಲಿರುವ ಬೊಂಡಾಸಿನ ಮೇಲೆ ಅಂತ ನೆನಪಾಗಿ ಹೊಟ್ಟೆಯಲ್ಲಿ ಕಸಿವಿಸಿಯಾಯ್ತು. (ಬೊಂಡಾಸ್ ಅಂದ್ರೆ ಸ್ಕ್ವಿಡ್. ಬೆಂಗಳೂರಿನ ಹೋಟೆಲುಗಳಲ್ಲಿ ಕಲಮಾರಿ ಅಂತ ಬಿಲ್ ಮಾಡ್ತಾರಲ್ಲ, ಅದೇ.)

ಅಕ್ಕ 8 ವರ್ಷದಿಂದ ಫ್ರಾನ್ಸಿನ ಲಿಯೋನ್‌ನಲ್ಲಿದ್ದಾಳೆ. ಹೋದ ಅಕ್ಟೋಬರಿನಲ್ಲಿ ಇಬ್ಬರೂ ಮರಾಕೇಶ್‌ನಲ್ಲಿ ಸೇರಿದೆವು. ಮೂರು ದಿನ ಸಂತೆ, ಅರಮನೆ, ಗದ್ದಲ ಎಲ್ಲ ಆದ ಮೇಲೆ ಅವಳೇ ಅಂದಳು, "ಸಮುದ್ರ ಕಾಣದೆ ನಿನಗೆ ಸರಿಹೋಗಲ್ಲ, ನಡಿ." ಬಸ್ಸಿನಲ್ಲಿ ಪಶ್ಚಿಮಕ್ಕೆ ಸುಮಾರು ಮೂರು ಗಂಟೆ. ಕೊನೆಯ ಒಂದು ಗಂಟೆ ದಾರಿಯ ಎರಡೂ ಕಡೆ ಅರ್ಗಾನ್ ಮರಗಳು. ಒಂದು ಮರದ ಕೊಂಬೆಗಳ ಮೇಲೆ ಏಳೆಂಟು ಆಡುಗಳು ನಿಂತಿದ್ದವು. ಅರ್ಗಾನ್ ಕಾಯಿ ತಿನ್ನಲು ಆಡು ಮರ ಹತ್ತುವುದು ನಿಜವೇ, ಆದರೆ ರಸ್ತೆ ಪಕ್ಕದ ಈ ಆಡುಗಳು ಫೋಟೋಗೆ ಕಾಸು ಕೇಳುವವನ ಆಡುಗಳು, ಅವು ನಮಗಿಂತ ಜಾಸ್ತಿ ಬೇಜಾರಿನಲ್ಲಿದ್ದವು.

ಎಸ್ಸಾವಿರಾಕ್ಕೆ ಅಲ್ಲಿಯವರು ಬಾಯಿಮಾತಿನಲ್ಲಿ ಸ್ವೀರಾ ಅನ್ನುತ್ತಾರೆ. ಹಳೆಯ ಹೆಸರು ಮೊಗಡೋರ್. 18ನೇ ಶತಮಾನದಲ್ಲಿ ಸುಲ್ತಾನ್ ಮೊಹಮ್ಮದ್ ಬೆನ್ ಅಬ್ದಲ್ಲಾ ಇದನ್ನು ವ್ಯಾಪಾರದ ಬಂದರು ಮಾಡಬೇಕೆಂದು ಫ್ರೆಂಚ್ ಎಂಜಿನಿಯರ್ ಒಬ್ಬನಿಂದ ನಕ್ಷೆ ಮಾಡಿಸಿ ಕಟ್ಟಿಸಿದ. ಅದಕ್ಕೇ ಬೀದಿಗಳು ನೆಟ್ಟಗಿವೆ, ಮರಾಕೇಶ್‌ನ ಹಾಗೆ ಕಳೆದುಹೋಗುವ ಭಯ ಇಲ್ಲ. 2001ರಲ್ಲಿ ಯುನೆಸ್ಕೊ ಹಳೇ ಊರನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಇದೆಲ್ಲ ಸರಿ, ಆದರೆ ಊರಿನಲ್ಲಿ ಇಳಿದ ಕೂಡಲೇ ಗೊತ್ತಾಗುವುದು ಗಾಳಿ. ಅಟ್ಲಾಂಟಿಕ್‌ನಿಂದ ಬೀಸುವ ಆ ಗಾಳಿಗೆ ಅಕ್ಕನ ದುಪ್ಪಟ್ಟಾ ಎರಡು ಸಲ ಬೇರೆಯವರ ಮುಖದ ಮೇಲೆ ಹೋಗಿ ಕೂತಿತು.

ಬಂದರಿಗೆ ಹೋದರೆ ಗಂಗೊಳ್ಳಿಗೆ ಹೋದ ಹಾಗೇ ಆಯ್ತು. ಅದೇ ಉಪ್ಪು, ಡೀಸೆಲ್, ಮೀನು ಮೂರೂ ಸೇರಿದ ವಾಸನೆ. ದೋಣಿಗಳು ಮಾತ್ರ ಎಲ್ಲವೂ ನೀಲಿ, ಒಂದಕ್ಕೊಂದು ಒತ್ತಿಕೊಂಡು ನಿಂತಿದ್ದವು. ರಾಶಿ ರಾಶಿ ಸಾರ್ಡೀನ್, ಅಂದರೆ ನಮ್ಮ ಬೈಗೆ. ಮೇಲೆ ಹದ್ದು ಕಾಗೆಗಳ ಬದಲು ಕಡಲಹಕ್ಕಿಗಳ ಕಿರುಚಾಟ. ನಮ್ಮಲ್ಲಿ ಮೀನು ಮಾರುವುದು ಹೆಂಗಸರು, ಇಲ್ಲಿ ನಾವು ನಿಂತಿದ್ದಷ್ಟು ಹೊತ್ತು ಕಂಡವರೆಲ್ಲ ಗಂಡಸರೇ.

ಅವತ್ತು ಶುಕ್ರವಾರ. ಮೊರಾಕ್ಕೊದಲ್ಲಿ ಶುಕ್ರವಾರ ಅಂದ್ರೆ ಕುಸ್ಕುಸ್. ಮಧ್ಯಾಹ್ನದ ನಮಾಜು ಮುಗಿದ ಮೇಲೆ ಮನೆಮಂದಿಯೆಲ್ಲ ಒಂದೇ ದೊಡ್ಡ ತಟ್ಟೆಯ ಸುತ್ತ ಕೂರುತ್ತಾರೆ. ನಾವು ಉಳಿದಿದ್ದ ಮನೆಯ ಯಜಮಾನನಿಗೆ ಹಿಂದಿನ ದಿನವೇ ಅಕ್ಕ ಹೇಳಿಟ್ಟಿದ್ದಳು, ನಮಗೆ ತಿನ್ನುವುದಷ್ಟೇ ಅಲ್ಲ, ಮಾಡುವುದನ್ನೂ ನೋಡಬೇಕು ಅಂತ. ಅವನು ತನ್ನ ತಾಯಿಯನ್ನು ಒಪ್ಪಿಸಿದ. ಎಪ್ಪತ್ತರ ಆಸುಪಾಸಿನ ಹೆಂಗಸು. ಅಲ್ಲಿ ದೊಡ್ಡ ಹೆಂಗಸರನ್ನು ಗೌರವದಿಂದ ಲಲ್ಲಾ ಅಂತ ಕರೆಯುತ್ತಾರೆ, ನಾವೂ ಹಾಗೇ ಕರೆದೆವು. ಲಲ್ಲಾ ಅರಬ್ಬಿಯಲ್ಲಿ ಹೇಳುವುದು, ಮಗ ಫ್ರೆಂಚಿಗೆ ತಿರುಗಿಸುವುದು, ಅಕ್ಕ ಕನ್ನಡದಲ್ಲಿ ನನಗೆ ಹೇಳುವುದು. ಒಂದು ಮಾತು ಮೂರು ಬಾಗಿಲು ದಾಟಿ ಬರುವಷ್ಟರಲ್ಲಿ ಲಲ್ಲಾ ಮುಂದಿನ ಕೆಲಸ ಮುಗಿಸಿರುತ್ತಿದ್ದರು. ನನಗೆ ನೇರವಾಗಿ ಅರ್ಥವಾಗುತ್ತಿದ್ದದ್ದು ಎರಡೇ ಮಾತು, "ಶ್ವಿಯಾ ಶ್ವಿಯಾ" ಅಂದ್ರೆ ಸ್ವಲ್ಪಸ್ವಲ್ಪವಾಗಿ, ನಿಧಾನ. "ಸಾಫಿ" ಅಂದ್ರೆ ಸಾಕು. ಅಡುಗೆ ಕಲಿಯಲು ಅಷ್ಟು ಸಾಲುತ್ತದೆ.

ಕುಸ್ಕುಸ್ ಅನ್ನುವುದು ಧಾನ್ಯ ಅಲ್ಲ. ಗಟ್ಟಿ ಗೋಧಿಯ ರವೆಯನ್ನು ಕೈಯಲ್ಲಿ ಉರುಟಿ ಮಾಡಿದ ಕಾಳು. ನಮ್ಮ ಹರಿವಾಣದಂಥ ಅಗಲದ ಪಾತ್ರೆಗೆ 'ಗ್ಸಾ' ಅಂತ ಹೆಸರು. ಅದರಲ್ಲಿ ರವೆ ಹರಡಿ, ಉಪ್ಪುನೀರು ಚಿಮುಕಿಸಿ, ಮೇಲೆ ನಯವಾದ ಹಿಟ್ಟು ಉದುರಿಸಿ, ಅಂಗೈ ಊರಿಯೂ ಊರದ ಹಾಗೆ ಸುತ್ತ ಆಡಿಸಬೇಕು. ಪ್ರತಿ ರವೆಗೂ ಒಂದು ಹಿಟ್ಟಿನ ಅಂಗಿ ಬರುತ್ತದೆ. ಲಲ್ಲಾ ಕೈಯಲ್ಲಿ ಎಲ್ಲವೂ ಸಾಸಿವೆ ಗಾತ್ರ. ನನ್ನ ಕೈಯಲ್ಲಿ ಸಾಸಿವೆ, ಕಾಳುಮೆಣಸು, ಮಧ್ಯೆ ಎರಡು ಕಡಲೆ. ಅವರು ನಕ್ಕು ಎಲ್ಲವನ್ನೂ ಜರಡಿಗೆ ಸುರಿದರು. ದಪ್ಪದ್ದು ಮತ್ತೆ ನನ್ನ ಮುಂದೆಯೇ ಬಂತು. ಈಗ ಅವರೂ ಹೆಚ್ಚಾಗಿ ಅಂಗಡಿಯದ್ದನ್ನೇ ತರುವುದಂತೆ, ಇವತ್ತು ನಮಗಾಗಿ ಅರ್ಧ ಕಿಲೋ ಕೈಯಲ್ಲಿ.

ಮಗ ಪಕ್ಕದಲ್ಲಿ ಕೂತು ಒಂದು ವಿಷಯ ಹೇಳಿದ. ಅಲ್ಜೀರಿಯಾಕ್ಕೂ ಮೊರಾಕ್ಕೊಗೂ ನಡುವಿನ ಭೂಗಡಿ 1994ರಿಂದ ಮುಚ್ಚಿದೆ. ಆದರೂ 2020ರಲ್ಲಿ ಕುಸ್ಕುಸ್ ಮಾಡುವ ತಿಳಿವಳಿಕೆಯನ್ನು ಯುನೆಸ್ಕೊ ಪಟ್ಟಿಗೆ ಸೇರಿಸಲು ಆ ಎರಡು ದೇಶಗಳು, ಟ್ಯುನೀಷಿಯಾ ಮತ್ತು ಮಾರಿಟೇನಿಯಾ ನಾಲ್ಕೂ ಒಟ್ಟಿಗೇ ಅರ್ಜಿ ಹಾಕಿದ್ದವು. "ಅದು ಯಾರದ್ದು ಅಂತ ಕೇಳಬೇಡಿ, ಇವತ್ತು ಊಟ ತಡವಾಗುತ್ತದೆ" ಅಂದ.

ಬೇಯಿಸುವುದು ಇಡ್ಲಿಯ ಹಾಗೆ ಹಬೆಯಲ್ಲಿ. ಕೆಳಗಿನ ಪಾತ್ರೆಯಲ್ಲಿ ಸಾರು ಕುದಿಯುತ್ತದೆ, ಮೇಲೆ ತಳದಲ್ಲಿ ತೂತಿರುವ 'ಕ್ಸ್ಕಾಸ್'ನಲ್ಲಿ ಕುಸ್ಕುಸ್. ಎರಡರ ಸಂದಿಯಿಂದ ಹಬೆ ತಪ್ಪಿಸಿಕೊಳ್ಳದಂತೆ ಒದ್ದೆ ಬಟ್ಟೆಯ ಪಟ್ಟಿ ಸುತ್ತುತ್ತಾರೆ. ಮೇಲೆ ಮುಚ್ಚಳ ಮಾತ್ರ ಇಲ್ಲ. ನಾನು ಅಭ್ಯಾಸಬಲದಿಂದ ತಟ್ಟೆ ಮುಚ್ಚಲು ಹೋದೆ, ಲಲ್ಲಾ ಕೈಗೆ ಒಂದು ಏಟು ಕೊಟ್ಟರು. ಮುಚ್ಚಿದರೆ ನೀರು ಹನಿದು ಗಂಟಾಗುತ್ತದೆ. ಕಾಲು ಗಂಟೆ ಹಬೆ, ಆಮೇಲೆ ಗ್ಸಾಕ್ಕೆ ಸುರಿದು, ತಣ್ಣೀರು ಚಿಮುಕಿಸಿ, ಕೈಯಿಂದ ಬಿಡಿಸಿ, ಮತ್ತೆ ಹಬೆಗೆ. ಹೀಗೆ ಮೂರು ಸಲ. ಹೊಗೆಯಾಡುವ ಕುಸ್ಕುಸ್ಸಿಗೆ ಅವರು ಬರಿಗೈ ಹಾಕುತ್ತಿದ್ದರು, ನಾನು ಬೆರಳು ಇಟ್ಟು ತೆಗೆದೆ. ಕೊನೆಯ ಸಲ 'ಸ್ಮೆನ್' ಒಂದು ಚಮಚ. ಉಪ್ಪು ಹಾಕಿ ತಿಂಗಳುಗಟ್ಟಲೆ ಹಳೆಯದು ಮಾಡಿದ ಬೆಣ್ಣೆ ಅದು. ಡಬ್ಬಿ ತೆರೆದಾಗ ಕಮಟು ತುಪ್ಪದ ವಾಸನೆ ಬಂದು ನಾನು ಹಿಂದೆ ಸರಿದೆ, ಬಿಸಿ ಕುಸ್ಕುಸ್ಸಿಗೆ ಬಿದ್ದ ಮೇಲೆ ಅದೇ ವಾಸನೆಗೆ ಹಸಿವಾಯ್ತು.

ಸಾರಿಗೆ ಸಿಗಡಿಯ ತಲೆಗಳು, ಹಾವಿನಂಥ ಕಾಂಗರ್ ಮೀನಿನ ತುಂಡು, ಈರುಳ್ಳಿ, ಟೊಮೆಟೊ, ಶುಂಠಿ, ಅರಿಶಿನ, ನೆನೆಸಿದ ಕಾಬೂಲಿ ಕಡಲೆ, ಕ್ಯಾರೆಟ್, ಸಿಹಿಗುಂಬಳ. ಮೆಣಸಿನ ಖಾರ ಬರೀ ನೆಪಕ್ಕೆ. ಸುಲಿದ ಸಿಗಡಿ ಮತ್ತು ಬೊಂಡಾಸಿಗೆ ಕೊತ್ತಂಬರಿ, ಪಾರ್ಸ್ಲಿ, ಬೆಳ್ಳುಳ್ಳಿ, ಜೀರಿಗೆ, ಕೆಂಪು ಪ್ಯಾಪ್ರಿಕಾ, ನಿಂಬೆರಸ ಸೇರಿದ ಶರ್ಮೂಲಾ ಸವರಿ ಇಟ್ಟಿದ್ದರು. ಇವನ್ನು ಸಾರಿಗೆ ಹಾಕುವುದಿಲ್ಲ. ಕೊನೆಗೆ, ಎಲ್ಲರೂ ಕೂತ ಮೇಲೆ, ಜೋರು ಉರಿಯಲ್ಲಿ ಎರಡು ಮೂರು ನಿಮಿಷ ಬಾಡಿಸಿದರೆ ಮುಗೀತು. ಜಾಸ್ತಿ ಬೆಂದ ಬೊಂಡಾಸ್ ರಬ್ಬರು ಅನ್ನುವುದು ಎರಡೂ ಕರಾವಳಿಗೆ ಗೊತ್ತಿರುವ ಸತ್ಯ.

ಇನ್ನು ಆ ಈರುಳ್ಳಿ. ಅದರ ಹೆಸರು 'ತ್ಫಾಯಾ'. ಉದ್ದುದ್ದ ಹೆಚ್ಚಿದ ಈರುಳ್ಳಿಯನ್ನು ಸಣ್ಣ ಉರಿಯಲ್ಲಿ ಮೊದಲು ಅದರದ್ದೇ ನೀರಿನಲ್ಲಿ ಬೇಯಿಸಿ, ಆಮೇಲೆ ಸ್ಮೆನ್, ಶುಂಠಿಪುಡಿ, ಚಕ್ಕೆಪುಡಿ, ಕೇಸರಿ, ನೆನೆದ ಒಣದ್ರಾಕ್ಷಿ, ಸಕ್ಕರೆ. ಒಂದು ಗಂಟೆಗಿಂತ ಜಾಸ್ತಿ ಹೊತ್ತು, ಜೇನಿನ ಬಣ್ಣ ಬಂದು ಬಾಣಲೆಯ ಅಂಚಿಗೆ ಅಂಟುವವರೆಗೆ. ಸಾಮಾನ್ಯವಾಗಿ ಇದು ಕೋಳಿ ಅಥವಾ ಕುರಿಮಾಂಸದ ಕುಸ್ಕುಸ್ಸಿಗೆ. ಮೀನಿಗೆ ಹಾಕುವುದು ಲಲ್ಲಾ ಅವರ ಅಜ್ಜಿಯ ರೂಢಿಯಂತೆ. ಇದೊಂದೇ ಮನೆಯ ಹುಚ್ಚೇನೋ ಅಂದುಕೊಂಡೆ. ಆಗ ಅಕ್ಕ ಹೇಳಿದಳು, ಅವಳ ಆಫೀಸಿನಲ್ಲಿ ಟ್ಯುನೀಷಿಯಾದ ಸ್ಫಾಕ್ಸ್ ಊರಿನವಳೊಬ್ಬಳಿದ್ದಾಳೆ, ಅವರ ಊರಲ್ಲಿ ರಂಜಾನ್ ಹಬ್ಬದ ದಿನ ಉಪ್ಪುಮೀನಿನ ಜೊತೆ ಈರುಳ್ಳಿ ಒಣದ್ರಾಕ್ಷಿಯ ಗೊಜ್ಜು ತಿನ್ನುತ್ತಾರೆ. ಅದಕ್ಕೆ ಅಲ್ಲಿ ಹೆಸರು ಶರ್ಮೂಲಾ! ಹೆಸರು ಅದೇ, ಪದಾರ್ಥವೇ ಬೇರೆ.

ತಟ್ಟೆ ಬಂತು. ಕುಸ್ಕುಸ್ಸಿನ ಗುಡ್ಡ, ಅದಕ್ಕೆ ಸಾರು, ಸುತ್ತ ತರಕಾರಿ, ಮೇಲೆ ಬೊಂಡಾಸ್ ಮತ್ತು ಸಿಗಡಿ, ತುದಿಯಲ್ಲಿ ತ್ಫಾಯಾ, ಹುರಿದ ಬಾದಾಮಿ. ನನ್ನ ಎದುರಿನ ಭಾಗ ಮಾತ್ರ ನನ್ನದು, ಬೇರೆಯವರ ಕಡೆಗೆ ಕೈ ಹಾಕುವಂತಿಲ್ಲ. ಅವರು ಬಲಗೈಯಲ್ಲಿ ಉಂಡೆ ಕಟ್ಟಿ ಬಾಯಿಗೆ ಹಾಕಿಕೊಳ್ಳುತ್ತಿದ್ದರು, ನಮಗೆ ಚಮಚ ಕೊಟ್ಟರು, ನಾವು ಬೇಡ ಅಂದೆವು. ಕೈಯಲ್ಲಿ ಉಣ್ಣುವುದನ್ನು ನಮಗೆ ಯಾರೂ ಕಲಿಸಬೇಕಾಗಿಲ್ಲವಲ್ಲ!

ಮೊದಲ ತುತ್ತು ನಾನು ಹುಷಾರಾಗಿ ಬರೀ ಬೊಂಡಾಸ್ ತೆಗೆದುಕೊಂಡೆ. ಎರಡನೆಯದಕ್ಕೆ ಸ್ವಲ್ಪ ತ್ಫಾಯಾ. ಏನಾಯ್ತೆಂದರೆ, ಸಿಹಿ ಮೀನಿಗೆ ತಾಗಲೇ ಇಲ್ಲ. ಅದು ಹೋಗಿ ಕೂತದ್ದು ಕುಸ್ಕುಸ್ಸಿನಲ್ಲಿ. ಬೊಂಡಾಸ್ ತನ್ನ ನಿಂಬೆ, ಬೆಳ್ಳುಳ್ಳಿ, ಉಪ್ಪಿನ ಜೊತೆ ಬೇರೆಯೇ ಇತ್ತು. ಬಾಣಲೆಯಲ್ಲೇ ಎಲ್ಲ ಕಲಸಿದ್ದರೆ ನಾನು ಎದ್ದು ಹೋಗುತ್ತಿದ್ದೆ. ತಟ್ಟೆಯಲ್ಲಿ ಪದರ ಪದರವಾಗಿ ಇಟ್ಟದ್ದರಿಂದ ಪ್ರತಿ ತುತ್ತಿನ ಸಿಹಿ ಎಷ್ಟು ಅನ್ನುವುದು ನನ್ನ ಕೈಯಲ್ಲೇ ಉಳಿಯಿತು. ಆದರೂ ಸಕ್ಕರೆ ಅರ್ಧ ಸಾಕಿತ್ತು ಅನ್ನುತ್ತೇನೆ. ಕೊನೆಗೆ ಚಿಮುಕಿಸಿದ ಕಿತ್ತಳೆ ಹೂವಿನ ನೀರು ನನಗೆ ಬೇಡವೇ ಬೇಡ, ಮದುವೆ ಮನೆಯ ಪನ್ನೀರು ಊಟಕ್ಕೆ ಬಿದ್ದ ಹಾಗಿತ್ತು.

ಶುಕ್ರವಾರದ ಕುಸ್ಕುಸ್ ಜೊತೆ ಅವರು 'ಲ್ಬೆನ್' ಕುಡಿಯುತ್ತಾರೆ, ಅದು ಮಜ್ಜಿಗೆಯೇ. ಓದಿ ಗೊತ್ತಿದ್ದರಿಂದ ಕೇಳಿದೆ. ಲಲ್ಲಾ ಕಣ್ಣು ಅಗಲ ಮಾಡಿದರು. ಇವತ್ತು ಮೀನು, ಮೀನಿನ ದಿನ ಲ್ಬೆನ್ ಇಲ್ಲ, ಮೈಮೇಲೆ ಏನಾದರೂ ಎದ್ದರೆ? ಅಕ್ಕ ಇದನ್ನು ಕನ್ನಡಕ್ಕೆ ತಿರುಗಿಸುವ ಮೊದಲೇ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಳು. ನಮ್ಮಜ್ಜಿ ಸಾಯುವವರೆಗೂ ಹೇಳುತ್ತಿದ್ದ ಮಾತು ಅದೇ. ಬದಲಿಗೆ ಪುದೀನ ಚಹಾ ಬಂತು, ಅದರಲ್ಲಿ ಸಕ್ಕರೆ ಇನ್ನೂ ಜಾಸ್ತಿ.

ಊರಿಗೆ ಬಂದು ಎರಡು ಸಲ ಮಾಡಿದೆ. ಬನ್ಸಿ ರವೆಯೂ ಗಟ್ಟಿ ಗೋಧಿಯದ್ದೇ, ಹಾಗಾಗಿ ಅದನ್ನೇ ಉರುಟಿದೆ. ಇಡ್ಲಿ ಅಟ್ಟದಲ್ಲಿ ಬಟ್ಟೆ ಹಾಸಿ ಹಬೆ ಕೊಟ್ಟೆ. ಮೊದಲ ಸಲ ಮುಚ್ಚಳ ಮುಚ್ಚಿದೆ, ಉಪ್ಪಿಟ್ಟಾಯಿತು. ಎರಡನೇ ಸಲ ತೆರೆದೇ ಇಟ್ಟೆ, ಬಿಡಿ ಬಿಡಿಯಾಗಿ ಬಂತು. ಸ್ಮೆನ್ ಬದಲು ತುಪ್ಪ, ಸಕ್ಕರೆ ಬದಲು ಚೂರು ಬೆಲ್ಲ, ಮೇಲೆ ಚಟ್ಲಿ, ಅಂದರೆ ಸಿಗಡಿ. ಅಮ್ಮ ಬಾಗಿಲಲ್ಲೇ ನಿಂತು ನೋಡಿದಳು. "ಎಂತ ಮರಾಯ್ತಿ, ಚಟ್ಲಿಗೆ ದ್ರಾಕ್ಷಿಯಾ?" ಆಮೇಲೆ ಕೂತಳು. ದ್ರಾಕ್ಷಿಯನ್ನೆಲ್ಲ ಒಂದೊಂದಾಗಿ ಆರಿಸಿ ತಟ್ಟೆಯ ಅಂಚಿಗಿಟ್ಟಳು. ಈರುಳ್ಳಿಯನ್ನು ಮಾತ್ರ ಎರಡನೇ ಸಲ ಹಾಕಿಸಿಕೊಂಡಳು. ಕೈ ತೊಳೆಯಲು ಏಳುವಾಗ ಹೇಳಿದಳು, "ಚಟ್ಲಿ ಜಾಸ್ತಿ ಬೆಂದ್ ಹೋಯ್ತ್."